ಗುಂಡಿ ಹಲಗೆ

ಆ ಕಂಡಕ್ಟರನನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತಿತ್ತು. ಅವನು ನನಗೇನೂ ಕೇಡು ಮಾಡಿದವನಲ್ಲ. ಅವನ ಬಲಗೈ ನನ್ನ ಬಲಗೈಗಿಂತ ಬೇಗ ಸರಿಹೋಗುತ್ತಿತ್ತು, ಅಷ್ಟೇ. ಉರಿಯುವುದಕ್ಕೆ ಅಷ್ಟು ಸಾಲದೇ?

ಇಬ್ಬರಿಗೂ ಲಕ್ವ ಹೊಡೆದದ್ದು ಹೆಚ್ಚುಕಡಿಮೆ ಒಂದೇ ಸಮಯಕ್ಕೆ. ಅವನು ಓಡುವ ಬಸ್ಸಿನಲ್ಲಿ ಟಿಕೆಟ್ ಹರಿಯುತ್ತಾ ಬಿದ್ದನಂತೆ. ನಾನು ಕೋಟಿನ ತೋಳು ಕತ್ತರಿಸುತ್ತಾ ಬಿದ್ದೆ. ಕುಂಟುತ್ತಾದರೂ ಕಾಲು ತಿರುಗಿ ಬಂತು, ಕೈ ಬರಲಿಲ್ಲ. ನಾನು ಟೈಲರ್. ಮಾತು ಹೋಗಿದ್ದರೂ ಬದುಕಿಕೊಳ್ಳುತ್ತಿದ್ದೆ, ಗಂಡನಿಗೂ ಒಂದಿಷ್ಟು ನೆಮ್ಮದಿ ಸಿಗುತ್ತಿತ್ತು. ಹೋದದ್ದು ಕೈ.

ನನ್ನ ಅಂಗಡಿ ಎಂದರೆ ಮನೆಯ ಮುಂದಿನ ಕೋಣೆ. ಗಿರಾಕಿಗಳು ಕೈತಪ್ಪಬಾರದೆಂದು ನಾದಿನಿಯನ್ನು ನಾನೇ ಕರೆಸಿ ಕೂರಿಸಿದ್ದೆ. ಬೆರಳು ತೋರಿಸಿದರೆ ಹಸ್ತ ನುಂಗುವ ಪೈಕಿ ಅವಳು. ಮೊದಲು ನನ್ನ ಸ್ಟೂಲಿನ ಮೇಲೆ ದಿಂಬು ಬಂತು. ಆಮೇಲೆ ಮೇಜು ಕಿಟಕಿಯ ಕಡೆಗೆ ತಿರುಗಿತು. ಅವಳು ಮುಟ್ಟದೆ ಉಳಿದದ್ದು ಗೋಡೆಯ ಮೊಳೆಗೆ ನೇತುಹಾಕಿದ್ದ ನನ್ನ ಕತ್ತರಿಯೊಂದೇ. ಬಟ್ಟೆ ಬಿಟ್ಟು ಬೇರೇನನ್ನೂ ಕಂಡರಿಯದ ಕತ್ತರಿ ಅದು.

"ಅತ್ತಿಗೆ, ಸುಮ್ನೆ ನೇತಾಡ್ತಾ ಇದೆಯಲ್ಲ, ನಾನು ತಗೊಳ್ಲಾ?" ಎಂದು ಒಂದು ದಿನ ಕೇಳಿಯೇ ಬಿಟ್ಟಳು.

"ಮೊಳೆ ಮೇಲೇ ಇರ್ಲಿ. ನನ್ನ ಕೈ ಬರುತ್ತೆ" ಎಂದೆ. ಹಾಗೆನ್ನುವಾಗ ಆ ಕೈ ನನ್ನ ಮಡಿಲಲ್ಲಿ ಯಾರದೋ ಸಾಮಾನಿನ ಹಾಗೆ ಬಿದ್ದಿತ್ತು.

ಕೈಗೆ ವ್ಯಾಯಾಮ ಮಾಡಿಸುವ ಕೋಣೆ ಆಸ್ಪತ್ರೆಯ ನೆಲಮಹಡಿಯಲ್ಲಿತ್ತು. ಒಂದು ಗೋಡೆಗೆ ದೊಡ್ಡ ಕನ್ನಡಿ, ನಡುವೆ ಉದ್ದನೆಯ ಮೇಜು, ಅದರ ಮೇಲೆ ರಬ್ಬರ್ ಚೆಂಡು, ಮರದ ಗೂಟ, ಮತ್ತೆ ಆ ಹಾಳು ಗುಂಡಿ ಹಲಗೆ. ಹಲಗೆಗೆ ಅಂಗಿಯ ಮುಂಭಾಗದ ಹಾಗೆ ಎರಡು ತುಂಡು ಬಟ್ಟೆ ಹೊಡೆದಿದ್ದರು. ಒಂದರಲ್ಲಿ ಗುಂಡಿ, ಇನ್ನೊಂದರಲ್ಲಿ ಕಾಜ. ಲಕ್ವದ ಕೈಯಿಂದ ಕೆಳಗಿನಿಂದ ಮೇಲಿನವರೆಗೆ ಗುಂಡಿ ಹಾಕಬೇಕು. ಕಾಜ ಹೊಲಿದಿದ್ದ ರೀತಿಯಂತೂ ನೋಡುವ ಹಾಗಿರಲಿಲ್ಲ, ಹಲ್ಲಿಲ್ಲದ ಬಾಯಿಯ ಹಾಗೆ ಸೊಟ್ಟಗೆ ತೆರೆದುಕೊಂಡಿತ್ತು. ಮೊದಲ ದಿನವೇ ವ್ಯಾಯಾಮದ ಹುಡುಗಿಗೆ ಹೇಳಿದೆ. ಅವಳು ನಕ್ಕಳು. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ ಎಂದು ಮನಸ್ಸಿನಲ್ಲಿ ಅಂದುಕೊಂಡಿರಬೇಕು.

ಕಂಡಕ್ಟರ್ ನನ್ನ ಎದುರಿಗೇ ಕೂರುತ್ತಿದ್ದ. ಬಂದವನೇ, "ಏನಕ್ಕಾ, ಗಾಡಿ ಇನ್ನೂ ಡಿಪೋದಲ್ಲೇ ಇದ್ಯಾ?" ಎಂದು ನನ್ನ ಕೈ ನೋಡುತ್ತಿದ್ದ. ಉಳಿದವರೆಲ್ಲ ಗೊಳ್ಳೆಂದು ನಗುತ್ತಿದ್ದರು. ನಾನು ಚೆಂಡನ್ನು ಅವನ ಕತ್ತು ಎಂದುಕೊಂಡು ಹಿಸುಕುತ್ತಿದ್ದೆ. ಆ ಹೊತ್ತಿನಲ್ಲಿ ಮಾತ್ರ ಬೆರಳುಗಳು ಚೆನ್ನಾಗಿ ಮಡಚಿಕೊಳ್ಳುತ್ತಿದ್ದವು.

ಅವನು ಚೆಂಡು ಮುಗಿಸಿದ. ಗೂಟ ಮುಗಿಸಿದ. ಒಂದು ಬೆಳಿಗ್ಗೆ ಹಲಗೆ ಎಳೆದುಕೊಂಡು, ನಾಲಿಗೆ ಹೊರಗೆ ಚಾಚಿಕೊಂಡು, ಕೆಳಗಿನಿಂದ ಮೇಲಿನವರೆಗೆ ಎಲ್ಲಾ ಗುಂಡಿಗಳನ್ನೂ ಹಾಕಿಬಿಟ್ಟ. ಹುಡುಗಿ ಚಪ್ಪಾಳೆ ತಟ್ಟಿದಳು. ಜೀವಮಾನವೆಲ್ಲ ಗುಂಡಿ ಹೊಲಿದವಳು ನಾನು! ಒಬ್ಬ ಕಂಡಕ್ಟರ್ ನನ್ನ ಕಣ್ಣೆದುರಿಗೆ ಗುಂಡಿ ಹಾಕಿ ಶಭಾಷ್ ಅನ್ನಿಸಿಕೊಳ್ಳುವುದೇ? ಗಾಯದ ಮೇಲೆ ಬರೆ ಎಳೆದಂತಾಯಿತು. ನನ್ನ ಸರದಿ ಬಂದಾಗ ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು. ನಾನು ಮೇಲೆ ಅಂದರೆ ಬೆರಳು ಪಕ್ಕಕ್ಕೆ. ಮೊದಲ ಗುಂಡಿಯೇ ಹೋಗಲಿಲ್ಲ.

ಮನೆಗೆ ಬಂದವಳೇ ಗಂಡನನ್ನು ಬಾಗಿಲಿಗೆ ಒರಗಿಸಿ ನಿಲ್ಲಿಸಿ ಅವರ ಅಂಗಿಯ ಮೇಲೆ ಅಭ್ಯಾಸ ಶುರುಮಾಡಿದೆ. ಪಾಪ, ಗೂಟದ ಹಾಗೆ ನಿಂತರು.

"ಕತ್ತು ಬಿಡೇ, ಉಸಿರು ಕಟ್ತಾ ಇದೆ."

"ಸುಮ್ನೆ ನಿಂತ್ಕೊಳ್ರೀ. ಆ ಕಂಡಕ್ಟ್ರಿಗೆ ಆಗಿದ್ದು ನಂಗಾಗಲ್ವಾ?"

ಆಗಲಿಲ್ಲ. ಎಷ್ಟೋ ಸಂಜೆ ಆಗಲಿಲ್ಲ. ಒಮ್ಮೆ ಸಿಟ್ಟಿಗೆ ಎಡಗೈಯಲ್ಲಿ ಗುಂಡಿಯನ್ನೇ ಕಿತ್ತು ಬಿಸಾಕಿದೆ. ನಾಳೆಯಿಂದ ಹೋಗುವುದಿಲ್ಲ ಎಂದು ಮಲಗಿದರೆ ಬೆಳಿಗ್ಗೆ ಅವನ ನಗುಮುಖ ಕಣ್ಣೆದುರು ಬರುತ್ತಿತ್ತು, ಎದ್ದು ಚಪ್ಪಲಿ ಹಾಕಿಕೊಳ್ಳುತ್ತಿದ್ದೆ. ಬೀದಿಯವರು "ಏನು ಛಲ ಇವರದು!" ಎಂದರು. ಛಲವೂ ಅಲ್ಲ, ಮಣ್ಣೂ ಅಲ್ಲ. ಶುದ್ಧ ಹೊಟ್ಟೆಕಿಚ್ಚು. ಆ ಕಿಚ್ಚಿನಲ್ಲೇ ಕೆಳಗಿನ ಗುಂಡಿ ಕೂತಿತು, ಅದರ ಮೇಲಿನದೂ ಕೂತಿತು. ಕೊನೆಗೆ ಉಳಿದದ್ದು ಕುತ್ತಿಗೆಯ ಹತ್ತಿರದ್ದೊಂದೇ.

ಅಷ್ಟರಲ್ಲಿ ಅವನು ಬರುವುದು ನಿಂತುಹೋಯಿತು. ಪೂರ್ತಿ ವಾಸಿಯಾಗಿ ಬಸ್ಸು ಹತ್ತಿರಬೇಕು ಎಂದು ನಾನು ಉರಿದುಕೊಳ್ಳುತ್ತಿದ್ದರೆ, ಹುಡುಗಿ ತಗ್ಗಿದ ದನಿಯಲ್ಲಿ ಹೇಳಿದಳು: "ಕಂಡಕ್ಟರ್ ಅಂಕಲ್‌ಗೆ ಮತ್ತೆ ಹೊಡೀತಮ್ಮಾ. ಮೇಲೆ ವಾರ್ಡಲ್ಲಿದ್ದಾರೆ."

ಸುಳ್ಳು ಯಾಕೆ ಹೇಳಲಿ, ಆ ಕ್ಷಣ ನನ್ನ ಹೊಟ್ಟೆಗೆ ಹಾಲು ಹೊಯ್ದಂತಾಯಿತು. ಈಗ ನಾನೇ ಮುಂದೆ! ಹಲಗೆ ಎಳೆದುಕೊಂಡೆ. ಎದುರಿನ ಕುರ್ಚಿ ಖಾಲಿ. ಬೆರಳು ಗುಂಡಿಯ ಮೇಲೆ ಹೋಗಿ ಸುಮ್ಮನೆ ಕೂತಿತು. ಯಾರಿಗೆ ತೋರಿಸಲಿ? ಯಾರನ್ನು ಮೀರಿಸಲಿ? ಮರುದಿನ ನಾನು ಹೋಗಲಿಲ್ಲ. ಅದರ ಮರುದಿನವೂ ಇಲ್ಲ. ಎರಡು ಸಲ ಹೊಡೆಯುತ್ತದೆ ಎಂದಾದರೆ ಇಷ್ಟೆಲ್ಲ ಒದ್ದಾಟ ಯಾವ ಪುರುಷಾರ್ಥಕ್ಕೆ ಎಂಬ ಹೆದರಿಕೆಯೂ ಸೇರಿಕೊಂಡಿತ್ತು. ಕೈ ಮತ್ತೆ ಬಿಗಿಯತೊಡಗಿತು.

ಗಂಡ ಒಂದು ಸಂಜೆ ಪಕ್ಕದಲ್ಲಿ ಕೂತು ಮೆಲ್ಲಗೆ ಕೇಳಿದರು: "ಕತ್ತರೀನೂ ತಂಗಿಗೇ ಕೊಟ್ಟುಬಿಡೋಣ್ವೇನೇ? ನೀನು ಪಟ್ಟಿದ್ದು ಸಾಕು."

ಸಾಕು ಎಂಬುದು ಎಷ್ಟು ಮೆತ್ತಗಿನ ಮಾತು! ದಿಂಬಿನ ಹಾಗೆ, ತಲೆಯಿಟ್ಟರೆ ಏಳಲು ಮನಸ್ಸಾಗುವುದಿಲ್ಲ. "ನಾಳೆ ಆಸ್ಪತ್ರೆಗೆ ಹೋಗಿ, ಇನ್ನು ಬರಲ್ಲ ಅಂತ ಹೇಳಿಬರ್ತೀನಿ. ಆಮೇಲೆ ಕೊಡಿ" ಎಂದೆ. ಅಂದು ಆ ಕತ್ತರಿಯ ಕಡೆ ನೋಡಲಿಲ್ಲ.

ಮರುದಿನ ಗಂಡನನ್ನು ಬಾಗಿಲಲ್ಲೇ ನಿಲ್ಲಿಸಿ ಒಳಗೆ ಹೋದೆ. ಅವನು ಅಲ್ಲಿದ್ದ. ಗಾಲಿಕುರ್ಚಿಯಲ್ಲಿ, ಬಾಯಿ ಒಂದು ಕಡೆಗೆ ಎಳೆದುಕೊಂಡು. ಬಲಗೈ ತೊಡೆಯ ಮೇಲೆ ಒದ್ದೆ ಬಟ್ಟೆಯ ಹಾಗೆ ಬಿದ್ದಿತ್ತು. ಹುಡುಗಿ, "ಒಂದೇ ಒಂದ್ಸಲ ಅಂಕಲ್, ಪ್ಲೀಸ್" ಎನ್ನುತ್ತಿದ್ದಳು. ಅವನು ತಲೆ ಅಲ್ಲಾಡಿಸುತ್ತಾ "ಬೇ... ಬೇಡ. ಸಾಕು" ಎಂದ.

ಆಮೇಲೆ ಅವನ ಕಣ್ಣು ನನ್ನ ಬಲಗೈಯ ಮೇಲೆ ಬಿತ್ತು. ಆ ಕೈಯಲ್ಲಿ ಚೀಲ ಹಿಡಿದಿದ್ದೆ. ನನಗೇ ಅರಿವಿಲ್ಲದೆ ಹಿಡಿದಿದ್ದೆ. ಅವನು ಆ ಬೆರಳುಗಳನ್ನೇ ದುರುಗುಟ್ಟಿಕೊಂಡು ನೋಡಿದ. ಅದು ಎಂಥ ನೋಟ ಎಂದು ಯಾರೂ ನನಗೆ ಹೇಳಿಕೊಡಬೇಕಾಗಿರಲಿಲ್ಲ. ಅಷ್ಟು ತಿಂಗಳು ಅದೇ ನೋಟದಿಂದ ನಾನು ಅವನನ್ನು ಸುಟ್ಟಿದ್ದೆ.

ಅಯ್ಯೋ ಪಾಪ ಎನ್ನಬಹುದಿತ್ತು. ಕೋಣೆಯ ತುಂಬ ಅದನ್ನು ಹೇಳುವವರೇ ಇದ್ದರು. ನಾನು ಎದುರಿನ ಕುರ್ಚಿಯಲ್ಲಿ ಕೂತು ಹಲಗೆ ಎಳೆದುಕೊಂಡೆ. ಬಿಗಿದ ಬೆರಳು ಮಾತು ಕೇಳುತ್ತದೋ ಇಲ್ಲವೋ ಗೊತ್ತಿರಲಿಲ್ಲ. ಕೆಳಗಿನದು ಹೋಯಿತು. ನಡುವಿನದು ಜಾರಿತು, ಮತ್ತೆ ಹಿಡಿದೆ, ಹೋಯಿತು. ಕುತ್ತಿಗೆಯದು ಕಾಜದ ಬಾಯಲ್ಲಿ ಸಿಕ್ಕಿಕೊಂಡು ನನ್ನ ಬೆವರಿಳಿಸಿತು. ಅವನು ನೋಡುತ್ತಲೇ ಇದ್ದ. ಅವನು ನೋಡುತ್ತಿದ್ದಾನೆ ಎಂಬುದಕ್ಕೇ ಹೆಬ್ಬೆರಳಿಗೆ ಎಲ್ಲಿಂದಲೋ ಜೀವ ಬಂತು. ಗುಂಡಿ ಒಳಗೆ ಹೋಗಿ ಕೂತಿತು.

ಆಮೇಲೆ ಹಿಂದಕ್ಕೆ ಒರಗಿ, ಎಲ್ಲರಿಗೂ ಕೇಳುವ ಹಾಗೆ ಕೇಳಿದೆ: "ಏನ್ ಕಂಡಕ್ಟ್ರೇ, ಗಾಡಿ ಇನ್ನೂ ಡಿಪೋದಲ್ಲೇ ಇದ್ಯಾ?"

ಹುಡುಗಿ ಬಾಯಿಗೆ ಕೈ ಅಡ್ಡ ಹಿಡಿದಳು. "ಅಮ್ಮಾ, ಏನಿದು!" ಯಾರೂ ನಗಲಿಲ್ಲ. ಅವನ ಮುಖ ಕೆಂಪಾಯಿತು. ಸೊಟ್ಟ ಬಾಯಿ ಏನನ್ನೋ ಅಗಿಯಿತು. ಕೊನೆಗೆ ಮಾತು ಹೊರಬಿತ್ತು.

"ಕೊ... ಕೊಡಿಲ್ಲಿ."

ಗುಂಡಿಗಳನ್ನೆಲ್ಲ ಬಿಚ್ಚಿ ಹಲಗೆಯನ್ನು ಮೇಜಿನ ನಡುವಿಗೆ ತಳ್ಳಿದೆ. ಅವನ ಹತ್ತಿರಕ್ಕಲ್ಲ. ನಡುವಿಗೆ. ಬೇಕಾದರೆ ಕೈ ಚಾಚಲಿ. ಅವನು ಹಲ್ಲು ಕಚ್ಚಿ, ಭುಜದಿಂದ ಎಳೆದು ಎಳೆದು ಆ ಕೈಯನ್ನು ಮೇಜಿನ ಮೇಲೆ ತಂದ. ಗುಂಡಿಯ ಬಳಿ ಅವನ ತೋರುಬೆರಳು ಚೂರೇ ಚೂರು ಅಲುಗಿತು. ಇಷ್ಟು ಬೇಗ! ನನಗೆ ಅಷ್ಟಕ್ಕೇ ಎಷ್ಟು ಕಾಲ ಹಿಡಿದಿತ್ತು! ಹೊಟ್ಟೆಯಲ್ಲಿ ಕಿಚ್ಚು ಧಗ್ಗೆಂದು ಹತ್ತಿಕೊಂಡಿತು. ಸದ್ಯ, ಹತ್ತಿಕೊಂಡಿತು.

ಹೊರಗೆ ಬಂದಾಗ ಗಂಡ, "ಹೇಳಿದ್ಯಾ, ಇನ್ನು ಬರಲ್ಲ ಅಂತ?" ಎಂದರು.

"ನಾಳೆ ಸ್ವಲ್ಪ ಬೇಗ ಹೊರಡ್ಬೇಕುರೀ, ಅವನಿಗಿಂತ ಮೊದಲು" ಎಂದೆ. "ಕತ್ತರಿ ಮೊಳೆ ಮೇಲೇ ಇರ್ಲಿ."