ಕೊಳೆ ಭತ್ಯೆ

ಆಸ್ಪತ್ರೆಗಳ ಬಟ್ಟೆ ಒಗೆಯುವ ಆ ಲಾಂಡ್ರಿಯನ್ನು ಒಂದು ಗೋಡೆ ಎರಡು ಪಾಲು ಮಾಡಿತ್ತು. ಈಚೆಗಿದ್ದದ್ದು ಕೊಳೆ ಕಡೆ, ಆಚೆಗಿದ್ದದ್ದು ಚೊಕ್ಕ ಕಡೆ. ಒಗೆಯುವ ಯಂತ್ರಗಳು ಗೋಡೆಯೊಳಗೇ ಕೂತಿದ್ದವು, ಒಂದೊಂದಕ್ಕೂ ಎರಡೆರಡು ಬಾಗಿಲು. ಕೊಳೆ ಕಡೆಯವರು ಬಟ್ಟೆ ತುಂಬಿ ಬಾಗಿಲು ಹಾಕಿದರೆ, ಒಗೆದಾದ ಮೇಲೆ ಚೊಕ್ಕ ಕಡೆಯವರು ಆಚೆಯಿಂದ ತೆಗೆಯುತ್ತಿದ್ದರು. ಈಚೆಯವರು ಆಚೆ ಕಾಲಿಡುವ ಹಾಗಿರಲಿಲ್ಲ. ಅವಳು ಈಚೆಯವಳು, ಹತ್ತು ವರ್ಷದಿಂದ.

ಕೊಳೆ ಎಂದರೆ ಅಂಗಿಯ ಕಾಲರಿಗೆ ಹತ್ತಿದ ಬೆವರಲ್ಲ. ಹಳದಿ ಚೀಲದ ಬಾಯಿ ಬಿಚ್ಚಿದರೆ ರಕ್ತ ಹೆಪ್ಪುಗಟ್ಟಿದ ಚಾದರ, ಕೀವು ಅಂಟಿದ ದಿಂಬಿನ ಚೀಲ, ಯಾರೋ ಕಕ್ಕಿದ್ದನ್ನು ಒರೆಸಿ ಸುತ್ತಿಟ್ಟ ಟವೆಲ್ಲು. ಒಂದೊಂದನ್ನೂ ಕೊಡವಿ ನೋಡಬೇಕು. ಮಡಿಕೆಯೊಳಗೆ ಸೂಜಿ ಇರುತ್ತದೆ, ಕತ್ತರಿ ಇರುತ್ತದೆ. ಒಮ್ಮೆ ಯಾರದೋ ಹಲ್ಲಿನ ಸೆಟ್ಟು ಹೊರಗುರುಳಿ ಅವಳನ್ನು ನೋಡಿ ಕಿಸಿದಿತ್ತು. ಎರಡು ಜೊತೆ ಕೈಗವಸು, ಮೂಗಿಗೆ ಮುಸುಕು, ಮೇಲೊಂದು ಪ್ಲಾಸ್ಟಿಕ್ ಅಂಗಿ, ಏನು ತೊಟ್ಟರೂ ವಾಸನೆ ಹೇಳದೆ ಕೇಳದೆ ಒಳಗೆ ಬಂದು ಕೂದಲಿನಲ್ಲಿ ಬೀಡುಬಿಡುತ್ತಿತ್ತು. ಮೊದಲ ವರ್ಷ ತಟ್ಟೆಯ ಮುಂದೆ ಕೂತಾಗಲೆಲ್ಲ ಅವಳಿಗೆ ಹೊಟ್ಟೆ ತೊಳಸುತ್ತಿತ್ತು. ಆಮೇಲೆ ತೊಳಸುವುದು ನಿಂತಿತು, ಅಸಹ್ಯ ನಿಲ್ಲಲಿಲ್ಲ. ಎಲ್ಲಾ ಅಭ್ಯಾಸ ಆಗಿಬಿಡುತ್ತೆ ಬಿಡು ಎನ್ನುವವರನ್ನು ಕಂಡರೆ ಅವಳಿಗೆ ಮೈಯೆಲ್ಲ ಉರಿಯುತ್ತಿತ್ತು.

ಈ ಹೊಲಸಿಗೆಂದೇ ತಿಂಗಳಿಗೊಂದು ಭತ್ಯೆ ಕೊಡುತ್ತಿದ್ದರು. ಸಂಬಳದ ಚೀಟಿಯಲ್ಲಿ ಅದಕ್ಕೊಂದು ಮರ್ಯಾದಸ್ತ ಹೆಸರಿತ್ತು. ಕೆಲಸದವರೆಲ್ಲ ಕರೆಯುತ್ತಿದ್ದದ್ದು ಕೊಳೆ ಭತ್ಯೆ ಎಂದೇ. ಅವಳ ಕೊಳೆ ಭತ್ಯೆ ಕೈಗೂ ಹತ್ತದೆ ನೇರವಾಗಿ ಮನೆ ಸಾಲದ ಕಂತಿಗೆ ಹೋಗುತ್ತಿತ್ತು.

ಸಾಲ ಎತ್ತಿದ್ದು ಗಂಡನ ಹಟಕ್ಕೆ. ಅವನು ಟೈಲ್ಸ್ ಮೇಸ್ತ್ರಿ. ಕಂಡವರ ಮನೆಗೆಲ್ಲ ಕನ್ನಡಿಯಂಥ ನೆಲ ಹಾಸಿ, ತಾನು ಬಂದು ಬಾಡಿಗೆ ಮನೆಯ ಬಿರುಕು ಸಿಮೆಂಟಿನ ಮೇಲೆ ಮಲಗುವುದು ಅವನಿಗೆ ಅವಮಾನವಾಗಿ ಕಾಣುತ್ತಿತ್ತು. ಅವನ ಸಂಪಾದನೆ ಇವತ್ತಿದ್ದರೆ ನಾಳೆ ಇಲ್ಲ. ಬ್ಯಾಂಕಿನವರು ಅವಳ ಸಂಬಳದ ಮುಖ ನೋಡಿಯೇ ಇಪ್ಪತ್ತು ವರ್ಷದ ಸಾಲ ಕೊಟ್ಟರು. ಕಂತು ಸರಿದೂಗಿಸಲು ಚೊಕ್ಕ ಕಡೆ ಇಸ್ತ್ರಿ ಮಾಡಿಕೊಂಡಿದ್ದವಳು ಕೇಳಿಕೊಂಡು ಕೊಳೆ ಕಡೆಗೆ ಬಂದಳು. ಆಗ ಅವನು ಮಾತು ಕೊಟ್ಟಿದ್ದ. ಅರ್ಧ ಅವಧಿ ಮುಗಿದರೆ ಅರ್ಧ ಸಾಲ ತೀರಿರುತ್ತದೆ, ಆಗ ಬ್ಯಾಂಕಿಗೆ ಹೋಗಿ ಉಳಿದರ್ಧಕ್ಕೆ ಕಂತು ಇಳಿಸಿಕೊಳ್ಳೋಣ, ಭತ್ಯೆಯ ಹಂಗು ತಪ್ಪುತ್ತದೆ, ನೀನು ವಾಪಸು ಹೋಗುವಿಯಂತೆ ಎಂದಿದ್ದ. ಹತ್ತು ವರ್ಷ ಅವಳು ಮೂಗು ಮುಚ್ಚಿಕೊಂಡು ಬದುಕಿದ್ದು ಆ ಒಂದು ಮಾತಿನ ಮೇಲೆ.

ಸಾಲದ ಲೆಕ್ಕವನ್ನು ಅವನು ನೆಲದ ಮೇಲೆಯೇ ಇಟ್ಟಿದ್ದ. ಹೊಸ ಮನೆಗೆ ತಾನೇ ಮಂಡಿಯೂರಿ ಟೈಲ್ಸ್ ಹಾಸಿದ್ದ. ಆ ಕೆಲಸದವರು ಒಳಮೂಲೆಯಿಂದ ಶುರು ಮಾಡಿ ಬಾಗಿಲ ಕಡೆಗೆ ಹಿಂದೆ ಸರಿಯುತ್ತಾ ಬರುತ್ತಾರೆ, ಹಸಿ ನೆಲವನ್ನು ತುಳಿಯಬಾರದಲ್ಲ. ಸಾಲವೂ ಹೀಗೇ ಒಳಗಿನಿಂದ ಹೊರಗೆ ಸಮಸಮವಾಗಿ ತೀರುತ್ತಾ ಬರುತ್ತದೆಂದು ಅವನ ನಂಬಿಕೆ. ವರ್ಷಕ್ಕೊಮ್ಮೆ, ಸಾಲ ಎತ್ತಿದ ತಾರೀಖಿನಂದು, ಸೀಮೆಸುಣ್ಣ ಹಿಡಿದು ಮನೆಯ ನೆಲದ ಇಪ್ಪತ್ತರಲ್ಲೊಂದು ಪಾಲು ಅಳೆದು ಗೆರೆ ಎಳೆಯುತ್ತಿದ್ದ, ಇಲ್ಲಿಯ ತನಕ ನಮ್ಮದು ಎನ್ನುತ್ತಿದ್ದ. ಹಿಂದಿನ ಬಚ್ಚಲಿನಿಂದ ಹೊರಟ ಗೆರೆ ಅಡುಗೆಮನೆ ದಾಟಿ, ಮಲಗುವ ಕೋಣೆ ದಾಟಿ, ಈ ವರ್ಷ ಹಜಾರದ ಹೊಸ್ತಿಲು ಮುಟ್ಟಿತ್ತು. ಗೆರೆಯಿಂದ ಒಳಗಿನ ನೆಲವನ್ನು ಅವಳು ಒಂದು ಕೈ ಹೆಚ್ಚೇ ಉಜ್ಜುತ್ತಿದ್ದಳು. ಅವನಂತೂ ನೆಂಟರು ಬಂದಾಗಲೆಲ್ಲ, ಹತ್ತು ವರ್ಷದಲ್ಲಿ ನಮ್ಮ ಕಂತು ಒಂದು ಪೈಸೆ ಏರಿಲ್ಲ ಎಂದು ಮೀಸೆ ತಿರುವುತ್ತಿದ್ದ.

ಗೆರೆ ಹೊಸ್ತಿಲು ಮುಟ್ಟಿದ ವಾರವೇ ಚೊಕ್ಕ ಕಡೆ ಒಂದು ಜಾಗ ಖಾಲಿಯಾಯಿತು. ಮೇಲ್ವಿಚಾರಕಿಯನ್ನು ಎಲ್ಲರೂ ದೊಡ್ಡಕ್ಕ ಎನ್ನುತ್ತಿದ್ದರು. ಅವಳು ಬೇರೆ ಯಾರ ಕಿವಿಗೂ ಹಾಕದೆ ಇವಳನ್ನು ಕರೆದು, ಸೋಮವಾರದೊಳಗೆ ಹೇಳು, ಆಮೇಲೆ ನನ್ನ ಕೈಯಲ್ಲಿರುವುದಿಲ್ಲ ಎಂದಳು. ಇಂಥ ಜಾಗ ಇನ್ನೊಮ್ಮೆ ಸಿಗುವುದು ಯಾವ ಕಾಲಕ್ಕೋ. ಅವಳು ಅವತ್ತೇ ಗಂಡನನ್ನು ಹೊರಡಿಸಿಕೊಂಡು ಬ್ಯಾಂಕಿಗೆ ಹೋದಳು.

ಸಾಲದ ವಿಭಾಗದಲ್ಲಿ ಕಾಲಿಟ್ಟ ಕೂಡಲೇ ಮಲ್ಲಿಗೆಯದೋ ನಿಂಬೆಯದೋ ಸುವಾಸನೆ ಮುಖಕ್ಕೆ ಬಡಿಯಿತು. ಸುವಾಸನೆ ಅತಿಯಾದಲ್ಲಿ ಏನನ್ನೋ ಮುಚ್ಚಿಟ್ಟಿರುತ್ತಾರೆ ಎಂಬುದು ಅವಳ ಮೂಗು ಕಲಿತ ಪಾಠ. ಮೇಜಿನ ಹಿಂದೆ ಕೂತಿದ್ದ ಅಧಿಕಾರಿಯ ಮುಖದಲ್ಲಿ ನಗುವನ್ನು ಮೊಳೆ ಹೊಡೆದು ಕೂರಿಸಿದಂತಿತ್ತು. ಅವಳು ಮನಸ್ಸಿನಲ್ಲೇ ಅವನಿಗೆ ನಗುಮುಖ ಎಂದು ಹೆಸರಿಟ್ಟಳು. ಅರ್ಧ ಸಾಲ ತೀರಿದೆ, ಉಳಿದರ್ಧಕ್ಕೆ ಕಂತು ಇಳಿಸಿಕೊಡಿ ಎಂದು ಕೇಳಿದಳು.

ನಗುಮುಖ ಕಂಪ್ಯೂಟರಿನ ಪರದೆಯನ್ನು ಅವರ ಕಡೆ ತಿರುಗಿಸಿದ.

"ಅರ್ಧ ಎಲ್ಲಿ ಮೇಡಂ? ನೂರು ರೂಪಾಯಿ ಸಾಲ ಅಂದ್ಕೊಳ್ಳಿ, ಎಂಬತ್ತೈದು ಇನ್ನೂ ಹಾಗೇ ಇದೆ."

"ಮತ್ತೆ ಹತ್ತು ವರ್ಷ ನಾವು ಕಟ್ಟಿದ್ದು?"

"ಒಂದು ಕಂತೂ ತಪ್ಪಿಸಿಲ್ಲ ನೀವು. ನಿಮ್ಮಂಥ ಗ್ರಾಹಕರು ನಮಗೆ ಬಹಳ ಮುಖ್ಯ."

ಆಮೇಲೆ ಅವನು ತಾಳ್ಮೆಯಿಂದ, ಮಗುವಿಗೆ ತುತ್ತಿಡುವ ಹಾಗೆ ಬಿಡಿಸಿ ಹೇಳಿದ. ಕಟ್ಟಿದ ಕಂತು ಮೊದಲು ಬಡ್ಡಿಯ ಹೊಟ್ಟೆ ತುಂಬಿಸುತ್ತದೆ, ಉಳಿದ ಚೂರುಪಾರು ಮಾತ್ರ ಅಸಲಿಗೆ ಹೋಗುತ್ತದೆ. ಶುರುವಿನ ವರ್ಷಗಳಲ್ಲಿ ನೂರು ಕಟ್ಟಿದರೆ ಎಂಬತ್ತಕ್ಕೂ ಹೆಚ್ಚು ಬಡ್ಡಿಯೇ. ಸಾಲದ ದರ ಏರಿಳಿಯುವಂಥದ್ದು. ಮೂರನೆಯ ವರ್ಷದ ಆಸುಪಾಸಿನಲ್ಲಿ ಮೂರು ಸಲ ಏರಿದ್ದು ಇಳಿಯಲೇ ಇಲ್ಲ. ಕಂತು ಏರಿಸದಿದ್ದುದರಿಂದ ಅಸಲಿಗೆ ಹೋಗುತ್ತಿದ್ದ ಚೂರೂ ಸವೆದು, ಬದಲಿಗೆ ಅವಧಿ ಬೆಳೆಯಿತು. ಇನ್ನು ಉಳಿದಿರುವುದು ಹತ್ತಲ್ಲ, ಹದಿನೇಳು ವರ್ಷ.

ಇಲ್ಲಿಯ ತನಕ ಒಟ್ಟು ಎಷ್ಟು ಕಟ್ಟಿದ್ದೇವೆ ಎಂದು ಅವಳು ಕೇಳಿದಳು. ತೆಗೆದುಕೊಂಡ ಸಾಲಕ್ಕಿಂತ ತುಸು ಹೆಚ್ಚೇ ಎಂದ. ಎಲ್ಲಾ ಮುಗಿಯುವ ಹೊತ್ತಿಗೆ? ಸಾಲದ ಹತ್ತಿರ ಹತ್ತಿರ ಮೂರರಷ್ಟು ಎಂದ. ಅದೇ ನಗು, ಅದು ಕೂದಲಷ್ಟೂ ಕೊಂಕಲಿಲ್ಲ. ಕಂತು ಇಳಿಸಲೇಬೇಕೆಂದರೆ ಅವಧಿಯನ್ನು ಇನ್ನೂ ಎಳೆಯಬೇಕು, ಆದರೆ ನಿಮ್ಮ ವಯಸ್ಸು ಒಪ್ಪುವುದಿಲ್ಲ ಎಂದ. ಅವಳಿಗೆ ನಲವತ್ತೊಂದು. ಲಾಂಡ್ರಿಯಲ್ಲಿ ಐವತ್ತೆಂಟಕ್ಕೆ ನಿವೃತ್ತಿ. ಹದಿನೇಳು ವರ್ಷವೆಂದರೆ ಕೆಲಸದ ಕೊನೆಯ ದಿನದ ತನಕ ಹಳದಿ ಚೀಲ. ಚೊಕ್ಕ ಕಡೆಯ ಬಾಗಿಲು ತನ್ನ ಜನ್ಮದಲ್ಲಿ ತೆರೆಯುವುದಿಲ್ಲ ಎಂಬುದು ಅವಳಿಗೆ ಆ ಕುರ್ಚಿಯಲ್ಲಿ ಕೂತೇ ಖಚಿತವಾಯಿತು.

ನಗುಮುಖನಿಗೆ ಅಷ್ಟಕ್ಕೇ ಸಮಾಧಾನವಾಗಲಿಲ್ಲ. ನಿಮ್ಮ ಮನೆಯ ಬೆಲೆ ಈಗ ಏರಿದೆ, ಅದರ ಮೇಲೆ ಇನ್ನೊಂದಿಷ್ಟು ಸಾಲ ಕೊಡುತ್ತೇವೆ, ಬಚ್ಚಲುಮನೆಗೆ ಹೊಸ ರೂಪ ಕೊಡಿ ಎಂದ. ಅವಳು ಗಂಡನ ಕಡೆ ನೋಡಿದಳು. ಬಚ್ಚಲುಮನೆ ಎಂದ ಕೂಡಲೇ ಆ ಮನುಷ್ಯನ ಕಣ್ಣು ಅರಳಿತ್ತು. ಯಾವ ಬಣ್ಣದ ಟೈಲ್ಸ್ ಎಂದು ಆಗಲೇ ಯೋಚಿಸುತ್ತಿದ್ದನೋ ಏನೋ. ಹತ್ತು ವರ್ಷದಲ್ಲಿ ಯಾವ ಚಾದರ ಬಿಚ್ಚಿದಾಗಲೂ ಅವಳಿಗೆ ಅಷ್ಟು ಹೇಸಿಗೆಯಾಗಿರಲಿಲ್ಲ.

ಹೊರಗೆ ಬಂದು ಬಸ್ಸಿಗೆ ಕಾಯುತ್ತಾ ನಿಂತಾಗ ಅವನ ಬಾಯಿಂದ ಒಂದೊಂದೇ ಹೊರಬಿತ್ತು. ಬ್ಯಾಂಕಿನ ಸಂದೇಶ ಮೂರು ಸಲವೂ ಅವನ ಫೋನಿಗೆ ಬಂದಿತ್ತು. ದರ ಏರಿದೆ, ಕಂತು ಹೆಚ್ಚಿಸಬೇಕೋ ಅವಧಿ ಹೆಚ್ಚಿಸಬೇಕೋ ತಿಳಿಸಿ ಎಂದಿತ್ತು. ಮೂರು ಸಲವೂ ಅವನು ಅವಧಿ ಎಂದು ಒತ್ತಿ, ಫೋನನ್ನು ಜೇಬಿಗಿಳಿಸಿ, ಹೋಗಿ ಕಲಸಿಟ್ಟ ಸಿಮೆಂಟಿನ ಮುಂದೆ ಕೂತಿದ್ದ.

"ನನಗೆ ಒಂದು ಮಾತು ಹೇಳಿಲ್ಲ ನೀವು."

"ನಿನಗ್ಯಾಕೆ ತಲೆಬಿಸಿ ಅಂತ ಕಣೇ. ಕಂತು ಅಷ್ಟೇ ಇತ್ತಲ್ಲ, ಏನು ವ್ಯತ್ಯಾಸ ಆಗುತ್ತೆ ಅಂದ್ಕೊಂಡೆ."

"ಅವಧಿ ಅಂತ ಒತ್ತಿದಿರಲ್ಲ, ಅದು ಯಾರ ಅವಧಿ?"

ಅವನು ಬಸ್ಸು ಬರುವ ದಾರಿ ನೋಡಿದ.

ಮನೆಗೆ ಬಂದವಳು ಚಪ್ಪಲಿಯನ್ನೂ ಬಿಡದೆ ಹಜಾರದ ನಡುವೆ ನಿಂತಳು. ಹತ್ತು ವರ್ಷ ಕೈಯಾರೆ ಉಜ್ಜಿದ ನೆಲ ಪಳಪಳ ಹೊಳೆಯುತ್ತಿತ್ತು. ನಗುಮುಖನ ಲೆಕ್ಕದಲ್ಲಿ ಗೆರೆ ಎಲ್ಲಿಗೆ ಬರುತ್ತದೆಂದು ಅಳೆಯಿರಿ ಎಂದಳು. ಅವನು ಅಳೆಯಲಿಲ್ಲ. ಅವಳೇ ಒಳಗೆ ಹೋಗಿ ನೋಡಿ ಬಂದು ಹೇಳಿದಳು. ಬಚ್ಚಲು ನಮ್ಮದು, ಅಡುಗೆಮನೆಯಲ್ಲಿ ಪಾತ್ರೆ ತೊಳೆಯುವ ಮೂಲೆ ನಮ್ಮದು, ಅಲ್ಲಿಗೆ ಮುಗಿಯಿತು. ಒಲೆ ಬ್ಯಾಂಕಿನದು, ಹಾಸಿಗೆ ಬ್ಯಾಂಕಿನದು, ನೆಂಟರ ಮುಂದೆ ಮೀಸೆ ತಿರುವಿದ ಕುರ್ಚಿಯ ಕೆಳಗಿನ ನೆಲವೂ ಬ್ಯಾಂಕಿನದೇ.

ಆಮೇಲೆ ಅವಳು ವಿಷಯಕ್ಕೆ ಬಂದಳು. ಮನೆ ಮಾರೋಣ, ಬೆಲೆ ಏರಿದೆಯಂತಲ್ಲ, ಬ್ಯಾಂಕಿನ ಬಾಯಿಗೆ ಹಾಕಬೇಕಾದದ್ದನ್ನು ಹಾಕಿದರೂ ಒಂದಿಷ್ಟು ಉಳಿಯುತ್ತದೆ, ಎರಡು ಕೋಣೆಯ ಬಾಡಿಗೆ ಮನೆ ಹಿಡಿಯೋಣ, ನಾನು ಚೊಕ್ಕ ಕಡೆಗೆ ಹೋಗುತ್ತೇನೆ ಎಂದಳು. ಅವನು ಹಾವು ತುಳಿದವನ ಹಾಗೆ ಹೌಹಾರಿದ. ಸ್ವಂತ ಮನೆ ಮಾರಿ ಬಾಡಿಗೆಗೆ ಹೋದರೆ ಜನ ಏನೆಂದಾರು, ನನ್ನ ಅಣ್ಣಂದಿರ ಮುಂದೆ ತಲೆ ಎತ್ತುವುದು ಹೇಗೆ, ಈ ನೆಲಕ್ಕೆ ನನ್ನ ಮಂಡಿ ಚಿಪ್ಪು ಸವೆದಿದೆ ಎಂದು ಒಂದೇ ಸಮನೆ ಶುರುವಿಟ್ಟುಕೊಂಡ. ಅತ್ತ. ಅಳುತ್ತಲೇ, ಹತ್ತು ವರ್ಷ ಮಾಡಿದ್ದೀಯಲ್ಲ, ಇನ್ನು ಹದಿನೇಳು ಕಣ್ಣು ಮುಚ್ಚಿ ತೆಗೆಯುವಷ್ಟರಲ್ಲಿ ಹೋಗುತ್ತದೆ ಎಂದ.

ಸೋಮವಾರ ಅವಳು ದೊಡ್ಡಕ್ಕನಿಗೆ ಬರುತ್ತೇನೆ ಎಂದು ಹೇಳಿಯೇಬಿಟ್ಟಳು. ಮನೆಗೆ ಬಂದು ಗಂಡನಿಗೂ ಹೇಳಿದಳು. ಅವನು ದಿಕ್ಕೆಟ್ಟು, ಭತ್ಯೆ ಇಲ್ಲದೆ ಕಂತು ಹೇಗೆ ಕಟ್ಟುವುದು ಎಂದು ಕೇಳಿದ.

"ನನ್ನ ಜಾಗ ಖಾಲಿ ಇದೆ. ಆ ಕಡೆಗೆ ಜನ ಸಿಗೋದೇ ಇಲ್ಲ, ಎರಡು ಕೈ ಇದ್ದವರನ್ನ ತಗೋತಾರೆ. ನೀವು ಬನ್ನಿ."

ಅವನು ಮೊದಲು ತಮಾಷೆಯೆಂದುಕೊಂಡ. ಅಲ್ಲವೆಂದು ಗೊತ್ತಾದ ಮೇಲೆ, ಅದಕ್ಕೇನಂತೆ, ಬಟ್ಟೆ ತುಂಬುವುದು ಏನು ಮಹಾ ಬ್ರಹ್ಮವಿದ್ಯೆ, ಬಿಸಿಲಲ್ಲಿ ಕಲ್ಲು ಕೊಯ್ದವನಿಗೆ ಅದೊಂದು ಲೆಕ್ಕವೇ ಎಂದ. ಟೈಲ್ಸ್ ಕೆಲಸವೂ ಆಗ ಕೈಕೊಟ್ಟಿತ್ತು. ಮನೆ ಉಳಿಸಿಕೊಳ್ಳಲು ತಾನೇ ಮುಂದಾದೆ ಎಂಬ ಹೆಮ್ಮೆ ಬೇರೆ. ವಾರ ಕಳೆಯುವುದರೊಳಗೆ ದೊಡ್ಡಕ್ಕ ಅವನಿಗೆ ಕೈಗವಸು, ಮುಸುಕು, ಪ್ಲಾಸ್ಟಿಕ್ ಅಂಗಿ ಕೊಟ್ಟು ಕೊಳೆ ಕಡೆಗೆ ಕಳಿಸಿದಳು.

ಅವತ್ತು ಅವಳು ಗೋಡೆಯ ಆಚೆ ನಿಂತಿದ್ದಳು. ಯಂತ್ರದ ಬಾಗಿಲು ತೆರೆದಾಗ ಬೆಚ್ಚನೆಯ ಆವಿಯ ಜೊತೆ ಬಿಳಿ ಚಾದರಗಳು ಕೈಗೆ ಬಂದವು. ಎಷ್ಟೋ ವರ್ಷದ ಮೇಲೆ ಬರಿಗೈಯಲ್ಲಿ ಬಟ್ಟೆ ಮುಟ್ಟಿದಳು. ಮಧ್ಯಾಹ್ನ ಡಬ್ಬಿ ಬಿಚ್ಚಿ ಹೊಟ್ಟೆ ತುಂಬಾ ಉಂಡಳು. ಕೊಳೆ ಕಡೆಯಿಂದ ಅವನು ಏನನ್ನು ತುಂಬುತ್ತಿದ್ದಾನೆಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ಅಯ್ಯೋ ಪಾಪ ಅನ್ನಿಸಬೇಕಿತ್ತು, ಅನ್ನಿಸಲಿಲ್ಲ.

ಸಂಜೆ ಇಬ್ಬರೂ ಮನೆಗೆ ಬಂದರು. ಅವನು ನೇರ ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡ. ನೀರು ಸುರಿಯುವ ಸದ್ದು, ಕಕ್ಕುವ ಸದ್ದು, ಮತ್ತೆ ನೀರಿನ ಸದ್ದು. ಸೋಪು ಪೂರ್ತಿ ಕರಗಿಸಿ ಹೊರಗೆ ಬಂದವನ ಮೈ ಕೆಂಪಗೆ ಸುಲಿದ ಹಾಗಿತ್ತು. ಬಡಿಸಿದ ತಟ್ಟೆಯನ್ನು ದೂರ ಸರಿಸಿದ.

"ನಾಳೆ ಬ್ರೋಕರಿಗೆ ಹೇಳೋಣ. ಮಾರಿಬಿಡೋಣ ಇದನ್ನ."

ಅವಳು ತಲೆ ಎತ್ತದೆ ಅನ್ನ ಕಲಸಿದಳು. ಒಪ್ಪಿಗೆಯಿಲ್ಲ ಎಂದುಕೊಂಡನೋ ಏನೋ, ಅವಳನ್ನು ಒಲಿಸುವ ದನಿಯಲ್ಲಿ ಇನ್ನೊಂದು ಮಾತು ಸೇರಿಸಿದ.

"ಅದು ಮನುಷ್ಯರು ಮಾಡೋ ಕೆಲಸ ಅಲ್ಲ ಕಣೇ."

ಅವಳು ಕೈಯಲ್ಲಿದ್ದ ತುತ್ತನ್ನು ತಟ್ಟೆಗೆ ಹಾಕಿದಳು. ಅವಳ ಹತ್ತು ವರ್ಷಕ್ಕೆ ಬಾರದ ಬುದ್ಧಿ ಅವನಿಗೆ ತನ್ನದೇ ಒಂದು ಪಾಳಿಗೆ ಬಂದಿತ್ತು. ಇಷ್ಟು ವರ್ಷ ಅದನ್ನು ಮಾಡಿದವಳು ಎದುರಿಗೇ ಕೂತಿದ್ದಾಳೆಂಬುದು ಮಾತು ಮುಗಿದ ಮೇಲೂ ಅವನಿಗೆ ಹೊಳೆದಿರಲಿಲ್ಲ. ಮನೆ ಹೋಗುತ್ತದೆ, ಸಾಲ ಹೋಗುತ್ತದೆ, ನಾಳೆಯೂ ಅವಳು ಚೊಕ್ಕ ಕಡೆಗೇ ಹೋಗುತ್ತಾಳೆ. ಬೇಕೆಂದದ್ದೆಲ್ಲ ಕೈಗೆ ಬಂದಿತ್ತು.

"ಸರಿ, ಹೇಳಿ ಬ್ರೋಕರಿಗೆ," ಎಂದು ಅವಳು ಎದ್ದು ಕೈತೊಳೆಯಲು ಹೋದಳು. ಅವನ ಮುಖ ನೋಡಲು ಅವಳಿಗೆ ಹೇಸಿಗೆಯಾಗುತ್ತಿತ್ತು.