ಎಡಗೈ ಇಟ್ಟ ಜಾಗ

"ನಿಲ್ಸು, ನೀರು ನಿಲ್ಸು," ಎಂದಳು ಸೊನುನ್ ಮುದುಕಿ.

ಜಿಪಾರ್ ತಂಬಿಗೆಯನ್ನು ನೆಟ್ಟಗೆ ಹಿಡಿದಳು. ಸಾವಿಗೆಂದು ಅಂಗಳದಲ್ಲಿ ಹಾಕಿದ್ದ ಉಣ್ಣೆಯ ಗುಡಾರದೊಳಗೆ, ಜೊಂಡಿನ ತಡಿಕೆಯ ಮರೆಯಲ್ಲಿ, ಐದು ಹೆಂಗಸರು ಅವಳ ಅತ್ತೆ ಊಲ್‌ಕಾನಳಿಗೆ ಕೊನೆಯ ಸ್ನಾನ ಮಾಡಿಸುತ್ತಿದ್ದರು. ತಲೆ ಆಯಿತು, ಬಲಮಗ್ಗುಲು ಆಯಿತು. ಎಡಗಾಲಿಗೆ ಬಂದಾಗ ಸೊನುನಳ ಕೈ ತಡೆಯಿತು. ನಲವತ್ತು ವರ್ಷದಿಂದ ಊರಿನ ಹೆಂಗಸರನ್ನೆಲ್ಲ ತೊಳೆದು ಕಳಿಸಿಕೊಟ್ಟ ಕೈ ಅದು, ಸುಮ್ಮಸುಮ್ಮನೆ ನಿಲ್ಲುವಂಥದ್ದಲ್ಲ.

"ಎರಡು ಕಾಲೂ ಜೋಡ್ಸಿ ನೋಡೋಣ."

ಜೋಡಿಸಿದರು. ಎಡಗಾಲು ನಾಲ್ಕು ಬೆರಳು ಗಿಡ್ಡ. ಪಾದ ಹೊರಗಡೆಗೆ ತಿರುಗಿ ಬಿದ್ದಿತ್ತು. ಸೊಂಟದ ಕೀಲಿನ ಹತ್ತಿರ ಮುಷ್ಟಿಯಷ್ಟು ದಪ್ಪನೆಯ ಗಂಟು.

"ಮುರಿದು ಬಹಳ ದಿನ ಆಗಿದೆ ಕಣೇ ಇದು. ಯಾವಾಗ ಬಿದ್ಲು?"

"ಆಲೂಗಡ್ಡೆ ಕೀಳೋ ಹೊತ್ತಲ್ಲಿ ಕೊಟ್ಟಿಗೆ ಬಾಗಿಲಲ್ಲಿ ಕೂತಿದ್ರು, ಅಪಾ," ಎಂದಳು ಜಿಪಾರ್. ತಾಯಿಯನ್ನೂ ತಾಯಿಯಂಥ ಹಿರಿಯರನ್ನೂ ಅಲ್ಲಿ ಅಪಾ ಎನ್ನುವುದು. "ಬಿದ್ದಿದಾರೆ ಅಂತ ಗೊತ್ತಾಗ್ಲಿಲ್ಲ. ಸುಸ್ತಾಗಿ ಕೂತಿದಾರೆ ಅಂದ್ಕೊಂಡ್ವಿ. ಆಮೇಲೆ ನಡೆಯೋದು ಬಿಟ್ರು. ಮರೆವಿನ ಕಾಯಿಲೇಲಿ ಹಾಗೇ ಆಗತ್ತಂತೆ, ನಡೆಯೋದೂ ಮರ್ತೋಗತ್ತಂತೆ ಅಂತ ಎಲ್ಲರೂ ಅಂದ್ರು."

"ಐದು ತಿಂಗಳು! ದಿನಾ ಬಟ್ಟೆ ಬದಲಾಯಿಸಿದೋಳು ನೀನೇ ಅಲ್ವೇನೇ?"

"ರಜಾಯಿ ಒಳಗೇ ಕೈ ಹಾಕಿ ಬದಲಾಯಿಸ್ತಿದ್ದೆ. ಮುಖ ಆ ಕಡೆ ತಿರುಗಿಸ್ಕೊಂಡು."

ಆ ಊರಿನ ಯಾವ ಸೊಸೆ ತಾನೇ ಅತ್ತೆಯ ಲಂಗ ಎತ್ತಿ ಕಣ್ಣು ಬಿಟ್ಟು ನೋಡಿಯಾಳು? ಇಪ್ಪತ್ತೆರಡು ವರ್ಷದಲ್ಲಿ ಜಿಪಾರ್ ಅತ್ತೆಯ ಹೆಸರನ್ನೇ ಬಾಯಲ್ಲಿ ಎತ್ತಿರಲಿಲ್ಲ. ಮರ್ಯಾದೆ ಎಂದರೆ ಅದೇ ಎಂದು ತಿಳಿದು ಬೆಳೆದವಳು. ಆ ಮರ್ಯಾದೆಯೇ ಅವಳ ಕಣ್ಣು ಕಟ್ಟಿತ್ತು.

"ಕೇಳಿ ಎಲ್ರೂ," ಎಂದಳು ಸೊನುನ್. "ಇಲ್ಲಿ ಕಂಡದ್ದು ಈ ತಡಿಕೆ ದಾಟಬಾರ್ದು. ಹೆಣ ತೊಳೆಯೋರಿಗೆ ಬಾಯಿಲ್ಲ. ಹೂಂ, ನೀರು ಹಾಕು."

ತಡಿಕೆಯ ಆಚೆ ಊಲ್‌ಕಾನಳ ಮಗಳು ಬುರುಲ್ ಕೂತಿದ್ದಳು. ಗೋಡೆಗೆ ಮುಖ ಮಾಡಿ, ಬೆನ್ನು ಬಾಗಿಲಿಗೆ ಹಾಕಿ, ಎರಡೂ ಕೈ ಸೊಂಟಕ್ಕೆ ಕೊಟ್ಟು, ಹಿಂದೆ ಮುಂದೆ ತೂಗುತ್ತ, ಒಳಗಿನ ಮಾತು ಕಿವಿಗೆ ಬೀಳದಷ್ಟು ಜೋರಾಗಿ ಕೊಶೊಕ್ ಹಾಡುತ್ತಿದ್ದಳು. ಸತ್ತವರ ಮನೆಯಲ್ಲಿ ಹೆಂಗಸರು ಹೀಗೆ ಕೂತು, ಹೀಗೇ ಹಾಡಿ ಅಳಬೇಕು. ಇನ್ನು ಸ್ವಲ್ಪ ಹೊತ್ತಿಗೆ ಜಿಪಾರಳೂ ಅವಳ ಪಕ್ಕದಲ್ಲಿ ಕೂತು ಹಾಡಬೇಕು. ಯಾವ ಬಾಯಲ್ಲಿ ಹಾಡುವುದು?

*

ಕೊಶೊಕ್ ಅಂದರೆ ಆ ಕಣಿವೆಯಲ್ಲೆಲ್ಲ ಊಲ್‌ಕಾನ್. ಹಗಲೆಲ್ಲ ಸರ್ಕಾರಿ ಹೊಲದ ಹಸುಗಳ ಹಾಲು ಕರೆದು, ಸಂಜೆ ಸಾವಿನ ಮನೆಗೆ ಹೋಗಿ ಹಾಡುತ್ತಿದ್ದಳು. ಸತ್ತವನು ಕುಡುಕನಾಗಿದ್ದರೂ ಅವಳು ಹಾಡಿದರೆ ಅವನ ಹೆಂಡತಿಗೇ ಅಯ್ಯೋ ಅನ್ನಿಸುತ್ತಿತ್ತು. ಬೇರೆ ಹೆಂಗಸರು ಕಿಚಾಯಿಸುವುದೂ ಇತ್ತು: "ಊಲ್‌ಕಾನ್, ನಿನ್ನ ಹಾಡು ಕೇಳೋದಕ್ಕಾದ್ರೂ ಸಾಯ್ಬೇಕು ಕಣೇ!" "ಸಾಯಿ, ಬೇಡ ಅಂದೋರ್ಯಾರು? ಆದ್ರೆ ಮೊದ್ಲು ನನ್ನ ಜರಡಿ ವಾಪಸ್ ಕೊಟ್ಟು ಸಾಯಿ," ಎನ್ನುತ್ತಿದ್ದಳು.

ಮೂರು ವರ್ಷದ ಹಿಂದೆ ಮರೆವು ಹಿಡಿಯಿತು. ಮೊದಲು ಚಹಾಕ್ಕೆ ಉಪ್ಪು ಎರಡು ಸಲ ಹಾಕಿದಳು. ಆಮೇಲೆ ಮಗ ಎಸೆನ್‌ನನ್ನು ತನ್ನ ಅಣ್ಣನೆಂದು ಕರೆದಳು. ಕೊನೆಗೆ ಮಾತೇ ನಿಂತಿತು. ಆ ಆಲೂಗಡ್ಡೆಯ ಕಾಲದಲ್ಲಿ, ಕೊಟ್ಟಿಗೆ ಬಾಗಿಲಿಂದ ಎತ್ತಿ ತಂದು ಹಾಸಿಗೆಯಲ್ಲಿ ಕೂರಿಸಿದ ಮಾರನೆಯ ಬೆಳಿಗ್ಗೆ, ಮುದುಕಿ ಕೈಯನ್ನು ಸೊಂಟಕ್ಕೆ ಒತ್ತಿ ಹಿಂದೆ ಮುಂದೆ ತೂಗಲು ಶುರುಮಾಡಿದಳು. ಗಂಟಲಿಂದ ಹಳೆಯ ರಾಗ ಹೊರಟಿತು. ಮಾತಿಲ್ಲ, ಬರೀ ರಾಗ.

"ಅಪಾ ಕೊಶೊಕ್ ಹಾಡ್ತಿದಾಳೆ!" ಎಂದು ಎಸೆನ್ ಕಣ್ಣೀರು ಹಾಕಿಕೊಂಡ. "ಎಲ್ಲಾ ಮರ್ತು ಇದೊಂದು ಮರೆತಿಲ್ಲ ನೋಡು."

ಊರೆಲ್ಲ ಸುದ್ದಿಯಾಯಿತು. ಹೆಂಗಸರು ಸಕ್ಕರೆಯುಂಡೆ ಕಟ್ಟಿಕೊಂಡು ಕೇಳಲು ಬಂದರು. ತೀರಿಹೋದ ಗಂಡನಿಗೆ ಹಾಡುತ್ತಾಳೆ ಎಂದರು ಕೆಲವರು. ತನಗೆ ತಾನೇ ಹಾಡಿಕೊಳ್ಳುತ್ತಾಳೆ ಎಂದರು ಇನ್ನು ಕೆಲವರು. ಗಂಡನ ಊರು ತಲಾಸ್‌ನಿಂದ ಬಂದ ಬುರುಲ್ ಫೋನಿನಲ್ಲಿ ವಿಡಿಯೋ ಮಾಡಿಕೊಂಡು ಹೋದಳು. ಜಿಪಾರಳಿಗೂ ಹೆಮ್ಮೆಯೇ. ಬಟ್ಟೆ ಬದಲಾಯಿಸುವಾಗ ಹಾಡು ಜೋರಾಗುತ್ತಿತ್ತು. "ನನ್ನ ಕೈ ತಾಗಿದ್ರೆ ಸಾಕು, ಅಪಾಗೆ ಹಾಡು ಉಕ್ಕಿ ಬರತ್ತೆ," ಎಂದು ನೆರೆಯವರ ಮುಂದೆ ಹೇಳಿಕೊಂಡಿದ್ದಳು. ಈಗ ಆ ಮಾತು ನೆನೆದರೆ ಅವಳಿಗೆ ತನ್ನ ನಾಲಗೆಯನ್ನೇ ಕಚ್ಚಿಕೊಳ್ಳಬೇಕೆನಿಸುತ್ತಿತ್ತು.

*

ಬಿಳಿಬಟ್ಟೆ ಸುತ್ತಿದ್ದಾಯಿತು. ಹೊರಗೆ ಗಂಡಸರು ಕೋಲಿಗೆ ಆತು ನಿಂತು, ಬಂದ ಪ್ರತಿಯೊಂದು ಗುಂಪಿಗೂ ದನಿ ಎತ್ತಿ ಅಳುತ್ತಿದ್ದರು. ಎಸೆನ್‌ನ ದನಿ ಎಲ್ಲರಿಗಿಂತ ಹೆಚ್ಚು ಒಡೆದಿತ್ತು. ಒಳಗೆ ಜಿಪಾರ್ ನಾದಿನಿಯ ಪಕ್ಕ ಗೋಡೆಗೆ ಮುಖ ಮಾಡಿ ಕೂತಳು. ಎರಡೂ ಕೈ ಸೊಂಟಕ್ಕೆ ಕೊಟ್ಟಳು. ಬಾಯಿ ತೆರೆದಳು. ಏನೂ ಬರಲಿಲ್ಲ.

"ಕಲ್ಲು ನುಂಗಿದೋಳ ಹಾಗೆ ಕೂತಿದಾಳಲ್ಲ," ಎಂದು ಹಿಂದಿನಿಂದ ಯಾರೋ ಪಿಸುಗುಟ್ಟಿದರು. "ಅಷ್ಟು ದೊಡ್ಡ ಹಾಡುಗಾರ್ತಿಗೆ ಎಂಥಾ ಸೊಸೆ!"

"ಪೀಡೆ ಕಳೀತು ಅಂತ ಖುಷಿ ಇರ್ಬೇಕು."

"ಸುಮ್ನಿರೇ, ಪಾಪ, ಮೂರು ವರ್ಷ ಹೇಲು ಉಚ್ಚೆ ಬಾಚಿದಾಳೆ."

ಬುರುಲ್ ಹಾಡು ನಿಲ್ಲಿಸಿ ಪಕ್ಕಕ್ಕೆ ಬಾಗಿದಳು. "ಜಿಪಾರ್, ಮಾನ ಕಳೀಬೇಡ. ಎರಡು ಸಾಲಾದ್ರೂ ಹಾಡು."

"ಬರ್ತಿಲ್ಲ ಏಜೆ." ಅಕ್ಕನ ವಯಸ್ಸಿನವರನ್ನು ಆ ಊರಲ್ಲಿ ಹಾಗೆಯೇ ಕರೆಯುವುದು.

"ಬರದೇ ಏನು? ಐದು ತಿಂಗಳು ದಿನಾ ಕೇಳಿದೀಯ!"

ಹೊಸದಾಗಿ ಬಂದ ಬೀಗಿತ್ತಿಯರು ಚಹಾಕ್ಕೆ ಮನೆಯೊಳಗೆ ಹೋದಾಗ ಬುರುಲ್ ಅವರ ಜೊತೆ ಕೂತು ಫೋನು ತೆಗೆದಳು. ಜಿಪಾರ್ ಬಟ್ಟಲುಗಳಿಗೆ ಚಹಾ ಬಗ್ಗಿಸುತ್ತಿದ್ದಳು. "ನಮ್ಮಮ್ಮನ ಕೊನೇ ಕೊಶೊಕ್ ಕೇಳಿ," ಎಂದಳು ಬುರುಲ್. ರಾಗ ಕೋಣೆ ತುಂಬಿತು. ಹೆಂಗಸರು ತಲೆವಸ್ತ್ರದ ತುದಿಯಿಂದ ಕಣ್ಣೊರೆಸಿಕೊಂಡರು. ಜಿಪಾರ್ ನೋಡಬಾರದೆಂದುಕೊಂಡರೂ ನೋಡಿಬಿಟ್ಟಳು.

ಅತ್ತೆ ಹಾಸಿಗೆಯಲ್ಲಿ ತೂಗುತ್ತಿದ್ದಾಳೆ. ಹುಬ್ಬು ಗಂಟಿಕ್ಕಿದೆ, ಹಲ್ಲು ಕಚ್ಚಿದೆ. ಕೊಶೊಕ್ ಹಾಡುವವರು ಎರಡೂ ಕೈ ಸೊಂಟಕ್ಕೆ ಕೊಡುತ್ತಾರೆ. ಅತ್ತೆಯ ಬಲಗೈ ರಜಾಯಿಯ ಅಂಚು ಹಿಂಡುತ್ತಿದೆ. ಎಡಗೈ ಒಂದೇ ಸೊಂಟದ ಮೇಲಿದೆ. ಅಷ್ಟರಲ್ಲಿ ಚಿತ್ರದ ಅಂಚಿನಿಂದ ಇನ್ನೊಂದು ಕೈ ಬರುತ್ತದೆ, ತಾಮ್ರದ ಬಳೆಯ ಕೈ, ಜಿಪಾರಳದೇ ಕೈ. ಅದು ರಜಾಯಿಯೊಳಗೆ ತೂರಿ ಮುದುಕಿಯನ್ನು ಮಗ್ಗುಲಿಗೆ ಹೊರಳಿಸುತ್ತದೆ. ರಾಗ ಸರ್ರನೆ ಮೇಲೇರುತ್ತದೆ.

"ಆಹಾ, ಈ ಏರು ನೋಡಿ!" ಎಂದಳು ಒಬ್ಬ ಬೀಗಿತ್ತಿ.

ಚಹಾ ಬಟ್ಟಲು ತುಂಬಿ, ತಟ್ಟೆ ತುಂಬಿ, ಮೇಜಿನ ಬಟ್ಟೆಯ ಮೇಲೆ ಹರಿಯಿತು. ಜಿಪಾರಳಿಗೆ ಅದು ಕಾಣಲಿಲ್ಲ.

*

ಒಬ್ಬಳು ಮಾತ್ರ ಹೇಳಿದ್ದಳು. ಊರಿನ ನರ್ಸ್ ಮೈರಾಮ್.

ಮೊದಲ ಹಿಮ ಬಿದ್ದ ವಾರ ರಕ್ತದೊತ್ತಡ ನೋಡಲು ಬಂದವಳು ಹಾಡು ಕೇಳಿಯೂ ಕಣ್ಣೀರು ಹಾಕಲಿಲ್ಲ. ಬಾಗಿಲಲ್ಲೇ ನಿಂತು ಮುದುಕಿಯ ಮುಖವನ್ನೇ ನೋಡಿದಳು.

"ಸುಮ್ನೆ ಕೂತಾಗ ಸಣ್ಣಗೆ, ಹೊರಳಿಸಿದ್ರೆ ಜೋರಾಗಿ. ಅಲ್ವಾ ಜಿಪಾರ್?"

"ಹೌದು ಏಜೆ."

"ಹಾಗಿದ್ರೆ ಅದು ಹಾಡಲ್ಲಮ್ಮಾ, ನೋವು. ನೋಯ್ತಿದೆ ಅನ್ನೋಕೆ ಅವಳ ಹತ್ರ ಮಾತಿಲ್ಲ. ಇರೋದು ಈ ರಾಗ ಒಂದೇ, ಅದರಲ್ಲೇ ನರಳ್ತಿದಾಳೆ. ಮುಟ್ಟಿದಾಗ ಹುಬ್ಬು ನೋಡು, ಕೈ ಎಲ್ಲಿ ಹೋಗತ್ತೆ ನೋಡು. ಅವಳು ಮಾತಾಡ್ತಿರೋದು ಹಾಗೆ."

ಒಂದು ಹಾಳೆ ಗುಳಿಗೆ ಕೊಟ್ಟಳು. ಬಟ್ಟೆ ಬದಲಾಯಿಸೋ ಅರ್ಧ ಗಂಟೆ ಮೊದಲು ಒಂದು ಕೊಡು, ರಾತ್ರಿ ಒಂದು. ನರೀನ್ ಪಟ್ಟಣಕ್ಕೆ ಕರ್ಕೊಂಡು ಹೋಗಿ ಎಕ್ಸ್‌ರೇ ತೆಗ್ಸಿ, ತಡ ಮಾಡ್ಬೇಡಿ ಎಂದಳು.

ಎಕ್ಸ್‌ರೇಗೆ ನಾಳೆ, ನಾಡಿದ್ದು ಎಂದು ದಿನ ತಳ್ಳುತ್ತಿರುವಾಗಲೇ ದಾರಿ ಹಿಮಕ್ಕೆ ಮುಚ್ಚಿತು. ಗುಳಿಗೆಯನ್ನಂತೂ ಜಿಪಾರ್ ತಪ್ಪದೆ ಕೊಟ್ಟಳು. ಎರಡನೆಯ ದಿನವೇ ರಾಗ ನಿಂತಿತು. ಅತ್ತೆ ಒಂದು ಬಟ್ಟಲು ಶಾವಿಗೆ ಸಾರು ಪೂರ್ತಿ ಕುಡಿದಳು. ಬಿಸಿಲು ಬಂದ ಕಿಟಕಿಯ ಕಡೆ ನೋಡುತ್ತ ಕೂತಳು. ಮೂರನೆಯ ದಿನ ಜಿಪಾರಳ ಮುಂಗೈ ಹಿಡಿದುಕೊಂಡು, ಬಳೆಯನ್ನು ತಿರುಗಿಸುತ್ತ ನಿದ್ದೆಹೋದಳು.

ಆದರೆ ಮನೆ ಬಣಬಣ ಎನ್ನತೊಡಗಿತು. ಕೇಳಲು ಬಂದ ಹೆಂಗಸರು ಬರಿಗಿವಿಯಲ್ಲಿ ಹಿಂತಿರುಗಿದರು. ಬುರುಲ್ ಫೋನು ಮಾಡಿದಳು.

"ಅಮ್ಮ ಯಾಕೆ ಹಾಡ್ತಿಲ್ಲ?"

"ನೋವಿನ ಗುಳಿಗೆ ಕೊಟ್ಟಿದಾರೆ ಏಜೆ. ಮೈರಾಮ್ ಏಜೆ ಹೇಳಿದ್ರು..."

"ಗುಳಿಗೆ ಹಾಕಿ ಮಲಗಿಸಿಬಿಟ್ಟಿದೀಯ! ನಿನಗೆ ಸುಲಭ ಆಗ್ಲಿ ಅಂತ ತಾನೇ? ಅವಳಲ್ಲಿ ಉಳಿದಿರೋದೇ ಆ ಹಾಡು, ಅದನ್ನೂ ಕಿತ್ಕೋತೀಯಾ?"

ಜಿಪಾರ್ ಗಂಡನ ಮುಖ ನೋಡಿದಳು. ಎಸೆನ್ ನೆಲ ನೋಡಿದ. "ಸ್ವಲ್ಪ ದಿನ ನಿಲ್ಸಿ ನೋಡೋಣ," ಎಂದ.

ಅವಳು ಗುಳಿಗೆ ಹಾಳೆಯನ್ನು ಗೋಡೆ ಬದಿಯ ರಜಾಯಿ ಅಟ್ಟಿಯ ಕೆಳಗೆ ಸಿಕ್ಕಿಸಿಟ್ಟಳು. ಮಾರನೆಯ ಸಂಜೆ ರಾಗ ಮರಳಿ ಬಂತು. ಎಸೆನ್‌ನ ಮುಖ ಅರಳಿತು. ನಿಜ ಹೇಳಬೇಕೆಂದರೆ ಜಿಪಾರಳಿಗೂ ಹಾಯೆನಿಸಿತು. ಆ ಹಾಯೆನಿಸಿದ್ದನ್ನೇ ಅವಳು ಇಂದು ತನಗೆ ಕ್ಷಮಿಸಿಕೊಳ್ಳಲಾರಳು.

*

ಮಧ್ಯಾಹ್ನ ಹೆಣ ಎತ್ತಿದರು. ಗಂಡಸರು ಹೆಗಲು ಕೊಟ್ಟು ಗುಡಾರದ ಬಾಗಿಲು ದಾಟುವಾಗ ಹೆಂಗಸರ ಅಳು ಒಮ್ಮೆಲೇ ಎದ್ದಿತು. ಹೆಂಗಸರಿಗೆ ಗೋರಿಯವರೆಗೆ ಹೋಗುವಂತಿಲ್ಲ, ಹೇಳುವುದಿದ್ದರೆ ಇಲ್ಲಿಯೇ ಹೇಳಬೇಕು. ಜಿಪಾರ್ ಆಗ ದನಿ ಎತ್ತಿದಳು.

"ಅಪಾ ನನ್ನಪಾ, ನೀ ಹಾಡಿದೆ ಅಂದೆವು,
ಹಾಡಲ್ಲ ನನ್ನಪಾ, ನರಳಿದೆ ನರಳಿದೆ.
ಮಾತು ಸತ್ತ ಬಾಯಲ್ಲಿ ನೋವೆಂದು ಕೂಗಿದೆ,
ಕೂಗಿದ್ದು ಕೇಳಿ ನಾ ಚೆಂದ ಅಂದೆನೆ.
ಕೊಟ್ಟ ಮದ್ದು ಕಸಿದು ರಜಾಯಿ ಕೆಳಗಿಟ್ಟೆ,
ನಿನ್ನ ಹೊರಳಿಸಿದ ಕೈ ನನ್ನದೇ ನನ್ನಪಾ..."

ಉಳಿದ ಹೆಂಗಸರ ದನಿ ಒಂದೊಂದಾಗಿ ಅಡಗಿತು. ಸೊನುನ್ ಬಾಗಿಲ ಬಳಿ ನಿಂತು ಕೇಳಿದಳು. ಕಾಲಿನ ಮಾತು ಬರಲಿಲ್ಲ, ತಡಿಕೆ ದಾಟಲಿಲ್ಲ. ಜಿಪಾರ್ ಹೇಳಿದ್ದು ತನ್ನ ತಪ್ಪನ್ನು ಮಾತ್ರ.

ಬುರುಲ್ ಅವಳ ತೋಳು ಹಿಡಿದು ಮನೆಯೊಳಗೆ ಎಳೆದುಕೊಂಡು ಹೋದಳು. ಮುಖ ಕೆಂಪಾಗಿತ್ತು.

"ಏನೇ ಅದು? ಊರ ಮುಂದೆ ಏನೇ ಅದು? ಗುಳಿಗೆ ನಿಲ್ಸು ಅಂದೋಳು ನಾನು, ಅದನ್ನ ಎಲ್ಲರಿಗೂ ಡಂಗುರ ಹೊಡೀತೀಯಾ?"

"ನಿಮ್ಮ ಹೆಸರು ಎತ್ತಿಲ್ಲ ಏಜೆ. ನಿಲ್ಸಿದ ಕೈ ನನ್ನದು."

"ಅಮ್ಮನಿಗೆ ನೋವಿತ್ತು ಅಂತ ಯಾರು ಹೇಳಿದ್ದು? ಆ ಮೈರಾಮಾ? ಅವಳಿಗೇನು ಗೊತ್ತು, ಅವಳಿಗೆ ಕೊಶೊಕ್ ಗೊತ್ತಾ? ನನಗೆ ಗೊತ್ತು. ನನ್ನಮ್ಮ ಹಾಡ್ತಿದ್ಲು!"

ನಾಲ್ಕು ಬೆರಳು ಗಿಡ್ಡ ಕಾಲಿನ ಮಾತು ಜಿಪಾರಳ ನಾಲಗೆಯ ತುದಿಗೆ ಬಂದಿತ್ತು. ನುಂಗಿಕೊಂಡಳು.

ಅಷ್ಟರಲ್ಲಿ ಸೊನುನ್ ಮತ್ತು ಉಳಿದ ಮೂವರು ಒಳಬಂದು ಕೂತರು. ತೊಳೆದವರಿಗೆ ಸತ್ತವಳ ಬಟ್ಟೆ ಹಂಚಬೇಕು, ಅದು ಮಗಳ ಕೆಲಸ. ಬುರುಲ್ ಮೂಗು ಒರೆಸಿಕೊಂಡು ಪೆಟ್ಟಿಗೆ ತೆಗೆದಳು. ಸೊನುನಳಿಗೆ ಉಣ್ಣೆಯ ಶಾಲು, ಉಳಿದವರಿಗೆ ಲಂಗ, ಪಾದರಕ್ಷೆ, ತಲೆವಸ್ತ್ರ. ಕೊನೆಗೆ ಉಳಿದದ್ದು ಊಲ್‌ಕಾನ್ ದಿನಾ ತೊಡುತ್ತಿದ್ದ ತೋಳಿಲ್ಲದ ಮಖಮಲ್ ಅಂಗಿ, ಸೊಂಟ ದಾಟಿ ಇಳಿಯುವಷ್ಟು ಉದ್ದದ್ದು, ಕಡುಗೆಂಪು ಬಣ್ಣದ್ದು. ಹಾಸಿಗೆ ಹಿಡಿದ ಮೇಲೂ ಮೈಮೇಲೆ ಅದೇ ಇರುತ್ತಿತ್ತು.

"ತಗೋ, ಇದು ನಿನ್ನ ಪಾಲು," ಎಂದು ಬುರುಲ್ ಮುಖ ನೋಡದೆ ಅಂಗಿ ಕೊಡವಿ ಹಿಡಿದಳು. ಕಿಟಕಿಯ ಬಿಸಿಲು ಅದರ ಮೇಲೆ ಬಿತ್ತು.

ಬಲಗಡೆ ಮಖಮಲ್ ಹೊಸದರಂತೆ ದಟ್ಟವಾಗಿತ್ತು. ಎಡಗಡೆ, ಸೊಂಟದ ಜಾಗದಲ್ಲಿ, ಒಂದು ಅಂಗೈಯಷ್ಟು ಅಗಲ ನವಿರೆಲ್ಲ ಉದುರಿ ಬರೀ ನೂಲು ಉಳಿದಿತ್ತು. ಐದು ಬೆರಳುಗಳ ಜಾಡೂ ಬೇರೆಬೇರೆಯಾಗಿ ಕಾಣುತ್ತಿತ್ತು.

"ಇದೇನಿದು?" ಎಂದಳು ಬುರುಲ್. "ಹೋದ ವರ್ಷ ನಾನೇ ಹೊಲಿಸಿಕೊಟ್ಟಿದ್ದು."

ಸೊನುನ್ ಶಾಲು ಮಡಿಸುತ್ತಲೇ ಇದ್ದಳು. ಬುರುಲ್ ಅವಳ ಮುಖ ನೋಡಿದಳು, ಜಿಪಾರಳ ಮುಖ ನೋಡಿದಳು. ಮತ್ತೆ ಬಲಗಡೆಯ ಬಟ್ಟೆ ಸವರಿದಳು, ಎಡಗಡೆಯದನ್ನು ಸವರಿದಳು. ಅಂಗಿಯನ್ನು ತೊಡೆಯ ಮೇಲೆ ಹಾಸಿಕೊಂಡು ಕೂತಳು.

ಬಾಗಿಲಲ್ಲಿ ತಡವಾಗಿ ಬಂದ ದೂರದ ನಂಟರು ಹಿಮದ ಬೂಟು ಕಳಚುತ್ತಿದ್ದರು. ಅವರಲ್ಲೊಬ್ಬ ಮುದುಕಿ ಒಳಗೆ ಇಣುಕಿ, "ಬುರುಲ್, ಕೊನೇ ಕೊಶೊಕ್ ನಿನ್ನ ಫೋನಲ್ಲಿದೆಯಂತೆ. ಹಾಕಮ್ಮಾ, ನಾವೂ ಒಂದ್ಸಲ ಕೇಳ್ತೀವಿ," ಎಂದಳು.

ಬುರುಲ್ ಜೇಬಿನಿಂದ ಫೋನು ತೆಗೆದಳು. ವಿಡಿಯೋ ಹಾಕದೆ ಅದನ್ನು ಕಂಬಳಿಯ ಮೇಲೆ ಬೋರಲು ಹಾಕಿದಳು. ಆಮೇಲೆ ತೊಡೆಯ ಮೇಲಿದ್ದ ಅಂಗಿಯ ಬೋಳು ಜಾಗದ ಮೇಲೆ ತನ್ನ ಎಡಗೈ ಇಟ್ಟಳು. ತಾಯಿಯ ಕೈಯದೇ ಅಳತೆ, ಬೆರಳುಗಳು ಆ ಜಾಡುಗಳಲ್ಲಿ ಸರಿಯಾಗಿ ಕೂತವು.