ವೆಂಕೂವಿನ ವಿಠಲ

ವಸುಧಾಬಾಯಿಗೆ, ಅಂದರೆ ನನಗೆ, ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ ಎಂದು ಇಂಡಿ ಊರಿನ ನಮ್ಮ ಓಣಿಯವರೆಲ್ಲ ಹೇಳುತ್ತಾರೆ. ಹೇಳಲಿ. ಅಗರಖೇಡದ ದಾಸರ ಹೆಸರು ಕೇಳಿದರೆ ಆ ಸಿಟ್ಟು ನೆತ್ತಿಗೇರುತ್ತದೆ, ಅದನ್ನೂ ಸೇರಿಸಿ ಹೇಳಲಿ. ಇಂಡಿಯಿಂದ ಮುದ್ದೇಬಿಹಾಳದವರೆಗೆ ಅವರ ಹಾಡು ಹೇಳದ ಭಜನಾ ಮಂಡಳಿ ಇಲ್ಲ. ದೊಡ್ಡ ದೊಡ್ಡ ಗವಾಯಿಗಳು ಹಾಡಿದ್ದಾರೆ, ಯೂಟ್ಯೂಬಿನಲ್ಲಿ ಬೇಕಾದಷ್ಟು ಸಿಗುತ್ತವೆ. ಪ್ರತಿ ಹಾಡಿನ ಕೊನೆಗೆ ‘ಭೀಮಾತಟ ವಿಠಲ’ ಎಂಬ ಅಂಕಿತ. ದಾಸರ ಪದಕ್ಕೆ ಅಂಕಿತವೇ ಸಹಿ. ಕೊನೆಯ ಸಾಲಿನಲ್ಲಿ ಯಾರ ಅಂಕಿತವೋ, ಹಾಡು ಅವರದು.

ಆದರೆ ಆ ಹಾಡುಗಳಲ್ಲಿ ಜನರ ಬಾಯಲ್ಲಿ ಉಳಿದವೆಲ್ಲ ದಾಸರ ಸೊಸೆ ವೆಂಕೂಬಾಯಿ ಕಟ್ಟಿದವು.

ಇದು ಕೇಳಿದ ಮಾತಲ್ಲ, ಕಂಡ ಮಾತು. ಅಗರಖೇಡ ಬಿಟ್ಟು ಇಂಡಿಗೆ ಬಂದು ನೆಲೆಸಿದ ಅವರ ಮನೆಗೂ ನಮ್ಮ ಮನೆಗೂ ನಡುವೆ ಒಂದೇ ಗೋಡೆ. ನಾನು ಮದುವೆಯಾಗಿ ಬಂದಾಗ ದಾಸರು ಇನ್ನೂ ಬದುಕಿದ್ದರು. ವೆಂಕೂಬಾಯಿ ಪಡಸಾಲೆಯಲ್ಲಿ ಕೂತು ತೊಡೆಯ ಮೇಲೆ ಹೂಬತ್ತಿ ಹೊಸೆಯುತ್ತ ಗುನುಗುತ್ತಿದ್ದರು. ಬತ್ತಿ ಮುಗಿಯುವ ಹೊತ್ತಿಗೆ ಹಾಡೂ ಮುಗಿದಿರುತ್ತಿತ್ತು. ಒಳಗಿನಿಂದ ಮಾವ ಕೇಳಿಸಿಕೊಂಡು, ತಲೆಯಾಡಿಸಿ, ಕೊನೆಗೆ ತಮ್ಮ ಅಂಕಿತ ಹಾಕುತ್ತಿದ್ದರು. ಸಂಜೆ ಗುಡಿಯಲ್ಲಿ ಅದು ದಾಸರ ಹೊಸ ಪದ. ಈಕೆಯೋ ಬಾಯಿ ಸತ್ತವಳು. ಕೈಮುಗಿದು ಹಿಂದಿನ ಸಾಲಿನಲ್ಲಿ ಕೂತು ತನ್ನ ಹಾಡನ್ನೇ ಭಕ್ತಿಯಿಂದ ಕೇಳುವಳು. ನಾನಾಗಿದ್ದರೆ ತಾಳ ಬಿಸಾಕಿ ಎದ್ದು ಬರುತ್ತಿದ್ದೆ.

ಇರಲಿ, ಉಳಿದ ಹಾಡುಗಳ ಮಾತು ಬಿಡೋಣ. ‘ಹಾಲು ಆರಿತು ಬಾರೋ ಕೃಷ್ಣ’ ಎಂಬ ಒಂದು ಹಾಡಿದೆ. ದಾಸರ ಆರಾಧನೆ ಮುಗಿಯುವುದು ಅದರಿಂದಲೇ. ಅದನ್ನು ಕೇಳಿ ಅಳದವರನ್ನು ನಾನು ಕಂಡಿಲ್ಲ. ದಾಸರ ವಾತ್ಸಲ್ಯ ಎಂಥದ್ದು ನೋಡಿ ಎಂದು ಪ್ರವಚನದವರು ಅದರ ಮೇಲೆ ತಾಸುಗಟ್ಟಲೆ ಮಾತಾಡುತ್ತಾರೆ. ವಾತ್ಸಲ್ಯವಂತೆ! ವೆಂಕೂಬಾಯಿಗೆ ಮೊದಲು ಒಂದು ಹೆಣ್ಣು ಕೂಸಿತ್ತು, ವೃಂದಾ ಎಂದು. ಜ್ವರ ಬಂದು, ಗಾಡಿ ಕಟ್ಟಿಕೊಂಡು ದವಾಖಾನೆಗೆ ಹೋಗುವ ದಾರಿಯಲ್ಲೇ ತಾಯಿಯ ತೊಡೆಯ ಮೇಲೆ ಸತ್ತಿತು. ಆರಿಸಿ ಇಟ್ಟ ಹಾಲು ಮನೆಯಲ್ಲಿ ಹಾಗೇ ಇತ್ತು. ಆಗ ಕಟ್ಟಿದ್ದು ‘ಹಾಲು ಆರಿತು ಬಾರೆ ವೃಂದಾ’. ಮಾವ ವೃಂದಾಳನ್ನು ತೆಗೆದು ಕೃಷ್ಣನನ್ನು ಕೂಡಿಸಿದರು. ಸತ್ತ ಕೂಸಿನ ಹೆಸರು ಗುಡಿಯಲ್ಲಿ ಹೇಳಬಾರದಂತೆ.

ಈ ವರ್ಷ ವೆಂಕೂಬಾಯಿ ಹಾಸಿಗೆ ಹಿಡಿದರು. ಒಂದು ಮಧ್ಯಾಹ್ನ ನಾನು ಅವರ ತಲೆ ಬಾಚುತ್ತಿದ್ದೆ. ಮಗ ಸುಜಯೀಂದ್ರ ಆರಾಧನೆಯ ಕರೆಯೋಲೆ ಹಂಚಿ ಆಗಷ್ಟೇ ಬಂದು ಕೂತಿದ್ದ. ಆತ ನಿವೃತ್ತ ಹೆಡ್‌ಮಾಸ್ತರ. ತಾಯಿಯ ಮೈ ಒರೆಸಿ ಗಂಜಿ ಕುಡಿಸುವ ಮಗ. ಕೆಟ್ಟವನಲ್ಲ, ಅದೇ ಕಷ್ಟ.

ವೆಂಕೂಬಾಯಿ ಹೇಳಿದರು, “ಸುಜಾ, ಈ ಸರ್ತಿ ಹಾಲಿನ ಹಾಡು ನನ್ನ ಹೆಸರಿನ ಮ್ಯಾಲ ಹಾಡಸಪಾ. ಅದೊಂದ ಸಾಕು. ಉಳದದ್ದೆಲ್ಲಾ ನಿಮ್ಮಜ್ಜಂದs ಇರ್ಲಿ.”

ಸುಜಯೀಂದ್ರ ಮೆತ್ತಗೆ ನಕ್ಕ. “ಅವ್ವಾ, ಅಂಕಿತ ಗುರು ಕೊಡಬೇಕು. ನಮ್ಮಷ್ಟಕ್ಕ ನಾವs ಇಟಗೊಂಡ್ರ ಅಪಚಾರ ಆಗತದ.”

“ಕೊಡ್ತೀನಿ ಅಂದಿದ್ರು ನಿಮ್ಮಜ್ಜ.”

“ಕೊಟ್ರೇನು?”

“ಇಲ್ಲ.”

“ಆತಲ್ಲ ಮತ್ತ,” ಎಂದು ಅವನು ತಾಯಿಯ ಹೊದಿಕೆ ಸರಿಪಡಿಸಿ ಎದ್ದುಹೋದ.

ನನ್ನ ಮೈ ಉರಿದುಹೋಯಿತು. “ಯಾರಪ್ಪನ ಅಂಕಿತ ಬೇಕ್ರಿ ನಿಮಗ? ನಾ ಹಾಡ್ತೀನಿ. ಆರಾಧನಿ ದಿನ ಕಡೀ ಹಾಡು ನನ್ನ ಮಂಡಳೀದs ಅದ. ಏನಂತ ಹಾಡ್ಲಿ, ಹೇಳ್ರಿ” ಎಂದೆ.

ವೆಂಕೂಬಾಯಿ ಹೊಸ ಮದುಮಗಳು ಗಂಡನ ಹೆಸರು ಹೇಳುವಂತೆ ನಾಚಿಕೊಂಡು, “ವೆಂಕೂವಿನ ವಿಠಲ,” ಎಂದರು. “ಮುದ್ದೇಬಿಹಾಳದಾಗ ನಮ್ಮಪ್ಪ ನನಗ ವೆಂಕೂ ಅಂತs ಕರೀತಿದ್ದ. ಹಾಡಿನ್ಯಾಗ ಸರಿ ಕೂಡತದ, ನೋಡು.”

ಕೂಡುತ್ತಿತ್ತು. ತಾಳ ಒಂದಿಷ್ಟೂ ತಪ್ಪುತ್ತಿರಲಿಲ್ಲ. ‘ವೆಂಕೂವಿನ ವಿಠಲ ಬಲ್ಲವನು, ಬಟ್ಟಲ ತುಂಬಿಟ್ಟು ಕಾದಿಹೆನು.’ ನಾನು ಪಾತ್ರೆ ತಿಕ್ಕುವಾಗ, ರೊಟ್ಟಿ ಬಡಿಯುವಾಗ ಅದನ್ನೇ ಹೇಳಿಕೊಂಡೆ. ಮಂಡಳಿಯವರಿಗೆ ಹೇಳಲಿಲ್ಲ. ಹೇಳಿದ್ದರೆ ಸಂಜೆಯೊಳಗೆ ಸುಜಯೀಂದ್ರನ ಕಿವಿಗೆ ಮುಟ್ಟುತ್ತಿತ್ತು. ಕೊನೆಯ ಸಾಲನ್ನು ನಾನೊಬ್ಬಳೇ ಎತ್ತಿಕೊಳ್ಳುವುದು ರೂಢಿ. ಅದು ಒಮ್ಮೆ ಎಲ್ಲರ ಕಿವಿಗೆ ಬಿದ್ದರೆ ಸಾಕಿತ್ತು.

ಆರಾಧನೆಯ ದಿನ ವೆಂಕೂಬಾಯಿಯನ್ನು ಗಾಲಿ ಕುರ್ಚಿಯಲ್ಲಿ ಕರೆತಂದು ಮುಂದಿನ ಸಾಲಿನಲ್ಲಿ ಕೂಡಿಸಿದರು. ಹಸಿರು ಇಳಕಲ್ ಸೀರೆ ಉಡಿಸೆಂದು ಹಟ ಹಿಡಿದಿದ್ದರಂತೆ. ಮೈಕಿನ ಶ್ರೀಶೈಲಪ್ಪನಿಗೆ ನಾನು, “ಕಡೀ ಸಾಲಿಗೆ ದನಿ ಏರಸಪಾ,” ಎಂದೆ. “ಊರೆಲ್ಲಾ ಕೇಳೂಹಂಗ ಮಾಡ್ತೇನ್ರಿ ಅಕ್ಕಾರ, ನೀವು ಹಾಡ್ರಿ,” ಎಂದ.

ಹಾಡು ಶುರುವಾಯಿತು. ನಾನು ಆ ಹಾಡನ್ನು ಅಷ್ಟು ಚೆಂದ ಯಾವತ್ತೂ ಹಾಡಿರಲಿಲ್ಲ. ಮುಂದಿನ ಸಾಲಿನಲ್ಲಿ ಆಕೆ ಕಣ್ಣು ಮಿಟುಕಿಸದೆ ನನ್ನ ಬಾಯನ್ನೇ ನೋಡುತ್ತಿದ್ದಳು. ಹೌದು, ಆಕೆ ಎಂದೇ ಅನ್ನುತ್ತೇನೆ. ಆ ಹೊತ್ತಿಗೆ ನನಗೆ ಆಕೆ ಹಿರಿಯಳಾಗಿ ಕಾಣಲಿಲ್ಲ, ಕೂಸು ಕಳೆದುಕೊಂಡ ಹುಡುಗಿಯಾಗಿ ಕಂಡಳು. ನನಗೆ ಅಳು ಬಂತು. ಅಳು ನುಂಗಿಕೊಂಡು ಕೊನೆಯ ಸಾಲು ಎತ್ತಿಕೊಂಡೆ.

“ಭೀಮಾತಟ ವಿಠಲ ಬಲ್ಲವನು...”

ಅಯ್ಯೋ, ನನ್ನ ಬಾಯಿಗೆ ಮಣ್ಣು ಬೀಳಲಿ! ವರ್ಷಾನುಗಟ್ಟಲೆ ಹೇಳಿದ ನಾಲಿಗೆ, ನನ್ನನ್ನು ಕೇಳದೆಯೇ ತಿರುಗಿಬಿಟ್ಟಿತು. ಆ ಸಾಲನ್ನು ಎರಡು ಸಲ ಹೇಳುವ ಪದ್ಧತಿ ಇದೆಯಲ್ಲ, ತಕ್ಷಣ ಮತ್ತೆ ಎತ್ತಿಕೊಂಡೆ. ಗಂಟಲು ಹರಿಯುವಂತೆ, “ವೆಂಕೂವಿನ ವಿಠಲ,” ಎಂದೆ. ಆದರೆ ಅಂಕಿತ ಕೇಳಿದೊಡನೆ ಮಂಗಳಾರತಿ ಎತ್ತುವುದು ನಮ್ಮ ರೂಢಿ. ಜಾಗಟೆ, ಗಂಟೆ, ಶಂಖ ಎಲ್ಲ ಒಮ್ಮೆಲೇ ಮೊಳಗಿದವು. ಜನ ಎದ್ದು ನಿಂತರು. ನನ್ನ ದನಿ ನನಗೇ ಕೇಳಿಸಲಿಲ್ಲ. ಎದ್ದವರ ಸಂದಿಯಲ್ಲಿ ನೋಡಿದೆ. ಆಕೆ ಎಲ್ಲರಂತೆ ಕೈಮುಗಿದು ಕೂತಿದ್ದಳು.

ಮನೆಗೆ ಬಂದ ಮೇಲೆ ಅವರ ಹಾಸಿಗೆಯ ಬದಿಗೆ ಕೂತು ಹಣೆ ಹಣೆ ಬಡಿದುಕೊಂಡೆ. “ಬೈರಿ ನನಗ. ಬಾಯಿಗೆ ಬಂದಹಂಗ ಬೈರಿ,” ಎಂದೆ.

ವೆಂಕೂಬಾಯಿ ನನ್ನ ಕೈ ಹಿಡಿದು ತಡೆದರು. “ನಿಂದೇನೂ ತಪ್ಪಿಲ್ಲ ವಸೂ. ಅಡಗೀಮನ್ಯಾಗ ಒಬ್ಬಾಕೀನs ಹಾಡಕೊಂಡ್ರೂ ನನಗೂ ಹಂಗs ಬರ್ತಿತ್ತು. ಎಷ್ಟ ಸರ್ತಿ ಪ್ರಯತ್ನ ಮಾಡೀನಿ. ನನ್ನ ಬಾಯಿಲೆ ಆಗಲಿಲ್ಲ ಅಂತs ನಿನಗ ಹೇಳಿದ್ದೆ.”

ಅದಾದ ಮೇಲೆ ಅವರು ಗಂಜಿ ಕೊಟ್ಟರೂ ಬಾಯಿ ತೆರೆಯುತ್ತಿರಲಿಲ್ಲ.

ಕೊನೆಯ ಹೊತ್ತು ಬಂದದ್ದು ಬೆಳಿಗ್ಗೆ. ಸುಜಯೀಂದ್ರ ತುಳಸಿಯ ನೀರು ತಾಯಿಯ ಬಾಯಿಗೆ ಹಾಕುತ್ತಿದ್ದ. ಮಂಡಳಿಯವರೆಲ್ಲ ಬಂದು ಸುತ್ತ ಕೂತಿದ್ದರು. ಉಸಿರು ಇನ್ನೂ ಇತ್ತು, ಮೇಲೆ ಮೇಲೆ ಆಡುತ್ತಿತ್ತು. ಸುಜಯೀಂದ್ರ ನನ್ನತ್ತ ತಿರುಗಿ, “ಅಜ್ಜನ ಹಾಲಿನ ಹಾಡು ಹೇಳ್ರಿ ವಸುಧಾಬಾಯಿ. ಅವ್ವಗ ಭಾಳ ಸೇರತಿತ್ತು,” ಎಂದ.

ಹೇಳಿದೆ. ಆಕೆಯ ಕಿವಿಯ ಹತ್ತಿರ ಬಾಯಿಟ್ಟು ಹೇಳಿದೆ. ಈ ಸಲ ಪ್ರತಿಯೊಂದು ಅಕ್ಷರವನ್ನೂ ಹಲ್ಲಿನಲ್ಲಿ ಕಚ್ಚಿ ಹಿಡಿದೆ. ಕೊನೆಯ ಸಾಲಿಗೆ, “ವೆಂಕೂವಿನ ವಿಠಲ,” ಎಂದೆ. ಸರಿಯಾಗಿಯೇ ಬಂತು. ಆಕೆಯ ರೆಪ್ಪೆ ಅಲುಗಿದ್ದನ್ನು ನಾನು ಕಣ್ಣಾರೆ ಕಂಡೆ.

ನನ್ನ ಹಿಂದೆ ಕೂತಿದ್ದ ಮಂಡಳಿಯ ಸಾವಿತ್ರವ್ವ ಗಾಬರಿಯಾದಳು. “ಅಯ್ಯಯ್ಯ, ಅಂಕಿತ ತಪ್ಪಿತು! ಜೀವಾ ಹೋಗೂ ಹೊತ್ತಿನ್ಯಾಗ ಅಂಕಿತ ತಪ್ಪಿದ್ರ ಸದ್ಗತಿ ಹೆಂಗ ಆದೀತು? ಎಲ್ಲಾರೂ ಕೂಡಿ ಸರಿಯಾಗಿ ಹೇಳ್ರಿ,” ಎಂದು ತಾನೇ ಎತ್ತಿಕೊಂಡಳು. ಎಲ್ಲರೂ ದನಿಗೂಡಿಸಿದರು. ಭೀಮಾತಟ ವಿಠಲ, ಭೀಮಾತಟ ವಿಠಲ. ಪಾಪ, ಆಕೆಗೆ ಒಳ್ಳೆಯದಾಗಲಿ ಎಂದೇ ಹಾಡಿದರು.

“ಬಾಯಿ ಮುಚ್ರಿ! ಹಾಡು ಈಕೀದು! ಸತ್ತ ಕೂಸೂ ಈಕೀದು!” ಎಂದು ನಾನು ಕಿರುಚಿದೆ. ಯಾರೋ ನನ್ನ ಭುಜ ಹಿಡಿದು ಹಿಂದಕ್ಕೆ ಎಳೆದು ಕೂಡಿಸಿದರು. “ದುಃಖಕ್ಕ ಹಂಗ ಆಗೇದ, ನೀರ ಕೊಡ್ರಿ,” ಎಂದರು. ಲೋಟ ಬಾಯಿಗೆ ಹಿಡಿದು ಕುಡಿಸಿದರು. ಲೋಟ ತಳ್ಳಿ ನೋಡುವಷ್ಟರಲ್ಲಿ ಉಸಿರು ನಿಂತಿತ್ತು.

ಸುಜಯೀಂದ್ರ ತಾಯಿಯ ಕಣ್ಣು ಮುಚ್ಚಿ, ತನ್ನ ಕಣ್ಣು ಒರೆಸಿಕೊಂಡ.

“ಅಜ್ಜನ ಅಂಕಿತ ಕೇಳಕೋತ ಹೋದಳು ನಮ್ಮವ್ವ,” ಎಂದ. “ಪುಣ್ಯವಂತಿ.”